ಕವಡೆಯ ಹೆಸರು ಬದಲಾದರೂ ಹಳೇ ಚೀಟಿ ಎಸೆಯಬೇಡಿ

ತಿಪಟೂರಿನಲ್ಲಿ ಚಿಪ್ಪು ಅಂದರೆ ತೆಂಗಿನ ಚಿಪ್ಪು, ಅಷ್ಟೇ. ಅದಕ್ಕೇ "ರಜೆಯಲ್ಲಿ ಚಿಪ್ಪಿಗೆ ಹೆಸರು ಬರೀತಾ ಇದ್ದೀನಿ" ಅಂದಾಗ ನಮ್ಮ ಬೀದಿಯವರು ನಾನೂ ಕೊಬ್ಬರಿ ವ್ಯಾಪಾರಕ್ಕೆ ಇಳಿದೆ ಅಂದುಕೊಂಡರು. ನಾನು ಹೇಳಿದ್ದು ಸಮುದ್ರದ ಚಿಪ್ಪು. ಶಂಖ, ಕವಡೆ, ಅವುಗಳ ಬಣ್ಣಬಣ್ಣದ ನೆಂಟರು. ಎಲ್ಲವೂ ಸಮುದ್ರದ ಬಸವನ ಹುಳುಗಳ ಮನೆಗಳೇ.

ನಾನು ಇಲ್ಲಿನ ಒಂದು ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಹೇಳಿಕೊಡುತ್ತೇನೆ. ಲ್ಯಾಬಿನ ಮೂಲೆಯಲ್ಲಿ ಒಂದು ಗಾಜಿನ ಬೀರು ಇದೆ. ಅದರಲ್ಲಿ 143 ಚಿಪ್ಪು. ಬಹಳ ಹಿಂದೆ ಇದ್ದ ಮೇಷ್ಟ್ರೊಬ್ಬರು ಹುಡುಗರನ್ನು ಮಂಡಪಂ, ರಾಮೇಶ್ವರದ ಕಡೆ ಟೂರಿಗೆ ಕರೆದುಕೊಂಡು ಹೋದಾಗಲೆಲ್ಲ ಆರಿಸಿ ತಂದು ಇಟ್ಟವು. ಒಂದೊಂದಕ್ಕೂ ಇಂಕ್ ಪೆನ್ನಿನಲ್ಲಿ ಬರೆದ ಚೀಟಿ. ಅರ್ಧ ಚೀಟಿಗಳ ಅಕ್ಷರ ಮಾಸಿತ್ತು, ಕೆಲವಕ್ಕೆ ಬೆಳ್ಳಿಹುಳು ಹಿಡಿದಿತ್ತು. ತಪಾಸಣೆಗೆ ತಂಡ ಬರುತ್ತದೆ, ಚೀಟಿ ಎಲ್ಲ ನೀಟಾಗಿ ಬರೆದುಬಿಡಿ ಮೇಡಂ ಅಂತ ನನಗೆ ಒಪ್ಪಿಸಿದರು. ಹದಿನೈದು ದಿನದ ಕೆಲಸ ಅಂದುಕೊಂಡೆ. ಒಂದೂವರೆ ವರ್ಷ ಹಿಡಿಯಿತು.

ಮೊದಲ ವಾರವೇ ದೊಡ್ಡ ತಪ್ಪು ಮಾಡಿದೆ. ಹಳೇ ಚೀಟಿ ನೋಡಿ, ಹೆಸರು ಇಂಟರ್ನೆಟ್ಟಿನಲ್ಲಿ ಹಾಕಿ, ಈಗ ಚಾಲ್ತಿಯಲ್ಲಿರುವ ಹೆಸರನ್ನು ಟೈಪ್ ಮಾಡಿ ಪ್ರಿಂಟ್ ತೆಗೆದು ಅಂಟಿಸಿ, ಹಳೇದನ್ನು ಕಸದ ಬುಟ್ಟಿಗೆ ಹಾಕುತ್ತಾ ಹೋದೆ. ಮೂವತ್ತೊಂದು ಚೀಟಿ ಹಾಗೆ ಹೋದವು. ಮೂವತ್ತೆರಡನೆಯದು ಕೈತಪ್ಪಿ ಮಗುಚಿ ಬಿತ್ತು. ಹಿಂದುಗಡೆ ಪೆನ್ಸಿಲ್ಲಿನಲ್ಲಿ ಸಣ್ಣಗೆ, ಎಲ್ಲಿ ಸಿಕ್ಕಿತು, ಯಾವ ತಾರೀಕು, ಮರಳೋ ಬಂಡೆಯೋ, ಎಲ್ಲ ಇತ್ತು! ಓಡಿಹೋಗಿ ನೋಡಿದರೆ ಬುಟ್ಟಿ ಖಾಲಿ. ನಮ್ಮ ಅಟೆಂಡರಣ್ಣ ಶುಚಿಗೆ ಹೆಸರಾದವರು, ಬೆಳಿಗ್ಗೆಯೇ ಎಲ್ಲ ಸುಟ್ಟಿದ್ದರು. ಅವರನ್ನು ಅನ್ನೋಕೆ ಏನೂ ಇಲ್ಲ, ಬುಟ್ಟಿಗೆ ಹಾಕಿದವಳು ನಾನು. ಹೆಸರು ತಪ್ಪಿದ್ದರೆ ಚಿಪ್ಪು ನೋಡಿ ಇನ್ನೊಬ್ಬರು ಮತ್ತೆ ಹುಡುಕಬಹುದು. ಸಿಕ್ಕ ಜಾಗ ಚಿಪ್ಪಿನ ಮೇಲೆ ಬರೆದಿರೋದಿಲ್ಲ ಅಲ್ವಾ. ಆ ಮೂವತ್ತೊಂದು ಈಗ ಸುಮ್ನೆ ಅಲಂಕಾರದ ಸಾಮಾನು.

ಅಲ್ಲಿಂದ ಮುಂದೆ ಹಳೇ ಚೀಟಿಯ ಮೇಲೆ ಕೈ ಇಡಲಿಲ್ಲ. ಸಣ್ಣ ಪ್ಲಾಸ್ಟಿಕ್ ಕವರಿನಲ್ಲಿ ಹಾಕಿ ಹೊಸದರ ಹಿಂದೆ ಪಿನ್ ಹೊಡೆಯೋದು. ಪಿನ್ ಕೂಡ ತುಕ್ಕು ಹಿಡಿಯುತ್ತದೆ ಅಂತ ಮಳೆಗಾಲದಲ್ಲಿ ಗೊತ್ತಾಗಿ ದಾರಕ್ಕೆ ಬಂದೆ.

ಹೆಸರಿನ ಕೆಲಸ ಶುರುವಾಗಿದ್ದು ಕವಡೆಯಿಂದ. ಚೀಟಿಯಲ್ಲಿ 'ಸಿಪ್ರಿಯಾ ಮೊನೆಟಾ' ಅಂತ ಇತ್ತು. ಹಳದಿ ಬಣ್ಣ, ಉಬ್ಬುತಗ್ಗಿನ ಬೆನ್ನು, ನಾವೆಲ್ಲ ಚೌಕಾಬಾರ ಆಡಿದ ಅದೇ ಕವಡೆ. 1758ರಲ್ಲಿ ಸ್ವೀಡನ್ನಿನ ಜೀವವಿಜ್ಞಾನಿ ಲಿನೇಯಸ್ ಇಟ್ಟ ಹೆಸರು. ಮೊನೆಟಾ ಅಂದರೆ ದುಡ್ಡು. ಮಾಲ್ಡೀವ್ಸ್‌ನಿಂದ ಹಡಗುಗಟ್ಟಲೆ ಕವಡೆ ಬಂಗಾಳಕ್ಕೆ ಬಂದು ಅಲ್ಲಿ ಚಿಲ್ಲರೆ ಹಣವಾಗಿ ಓಡುತ್ತಿತ್ತು. ನಾವು 'ಕವಡೆ ಕಾಸಿನ ಕಿಮ್ಮತ್ತಿಲ್ಲ' ಅಂತ ಬೈಯೋದೂ ಆ ಕಾಲದ್ದೇ ಮಾತು. ಈಗ ಅದರ ಹೆಸರು 'ಮೊನೆಟೇರಿಯಾ ಮೊನೆಟಾ (ಲಿನೇಯಸ್, 1758)'. ಈ ಬ್ರಾಕೆಟ್ ಯಾಕೆ ಬಂತು ಅಂತ ನನ್ನ ಕ್ಲಾಸಿನಲ್ಲಿ ಯಾರೂ ಕೇಳಿರಲಿಲ್ಲ. ನಿಜ ಹೇಳಬೇಕೆಂದರೆ ನಾನೂ ಇಷ್ಟು ವರ್ಷ ಅದನ್ನು ಹಾಕಿದರೂ ನಡೆಯುತ್ತೆ, ಬಿಟ್ಟರೂ ನಡೆಯುತ್ತೆ ಅಂತಲೇ ಇದ್ದೆ.

ನಡೆಯೋದಿಲ್ಲ. ಹೆಸರಿನ ಮೊದಲ ಪದ ಜೀನಸ್, ಅಂದರೆ ಹತ್ತಿರದ ನೆಂಟರ ಗುಂಪು. ಎರಡನೆಯದು ಸ್ಪೀಷೀಸ್, ಆ ಗುಂಪಿನೊಳಗಿನ ಒಂದು ಜಾತಿ. ಲಿನೇಯಸ್ ಎಲ್ಲ ಕವಡೆಗಳನ್ನೂ ಸಿಪ್ರಿಯಾ ಅನ್ನೋ ಒಂದೇ ಮನೆಗೆ ಸೇರಿಸಿದ್ದ. ಆಮೇಲೆ ಬಂದವರು ಪಾಲು ಮಾಡಿದರು. ಮೊನೆಟಾ ಬೇರೆ ಮನೆಗೆ ಹೋಯಿತು. ಹಾಗೆ ಹೋದಾಗ ಮೊದಲು ಹೆಸರಿಟ್ಟವರನ್ನು ಬ್ರಾಕೆಟ್ಟಿನಲ್ಲಿ ಹಾಕಬೇಕು ಅಂತ ನಿಯಮ. ಮದುವೆಯಾಗಿ ಹೋದವಳ ತವರು ಮನೆ ವಿಳಾಸ ಇದ್ದ ಹಾಗೆ. ಅದೇ ಬೀರುವಿನ ದೊಡ್ಡ ಚುಕ್ಕೆ ಕವಡೆ, ಸಿಪ್ರಿಯಾ ಟೈಗ್ರಿಸ್, ಹುಟ್ಟಿದ ಮನೆಯಲ್ಲೇ ಇದೆ. ಅದಕ್ಕೆ ಬರೀ 'ಲಿನೇಯಸ್, 1758', ಬ್ರಾಕೆಟ್ ಇಲ್ಲ. ಸೀರೆ ಸೆರಗಿನ ಹಾಗೆ ಮೈತುಂಬ ತ್ರಿಕೋನದ ಚಿತ್ತಾರವಿರುವ ಕೋನಸ್ ಟೆಕ್ಸ್‌ಟೈಲ್‌ಗೂ ಬ್ರಾಕೆಟ್ ಇಲ್ಲ. (ಅಂದಹಾಗೆ, ಜೀವಂತ ಕೋನ್ ಚಿಪ್ಪು ಸಿಕ್ಕರೆ ಮುಟ್ಟಬೇಡಿ. ಒಳಗಿನ ಹುಳು ವಿಷದ ಈಟಿ ಚುಚ್ಚುತ್ತದೆ. ಅದೇ ಗುಂಪಿನ ಕೋನಸ್ ಜಿಯೋಗ್ರಾಫಸ್ ಚುಚ್ಚಿ ಜನ ಸತ್ತಿದ್ದಾರೆ.)

ಇನ್ನೊಂದು ತಲೆನೋವು ಹೆಸರಿನ ಬಾಲ. ಬಿಳಿ ಮೈಮೇಲೆ ಕಿತ್ತಳೆಕಂದು ಮಚ್ಚೆಯ ಒಂದು ಶಂಖವನ್ನು ಲಿನೇಯಸ್ 'ಬುಕ್ಸಿನಮ್ ಸ್ಪೈರೇಟಮ್' ಅಂತ ಕರೆದಿದ್ದ. ಈಗ ಅದು 'ಬ್ಯಾಬಿಲೋನಿಯಾ ಸ್ಪೈರೇಟಾ'. ಹುಡುಗರು ಒಂದು ಕಡೆ ಸ್ಪೆಲ್ಲಿಂಗ್ ತಪ್ಪಾಗಿದೆ ಅಂತ ತಿದ್ದೋಕೆ ಬಂದರು. ಎರಡೂ ಸರಿ. ಲ್ಯಾಟಿನ್ನಿನಲ್ಲಿ ಹೆಸರಿಗೆ ಲಿಂಗ ಇದೆ. ಬುಕ್ಸಿನಮ್ ನಪುಂಸಕ, ಬ್ಯಾಬಿಲೋನಿಯಾ ಸ್ತ್ರೀಲಿಂಗ. ಎರಡನೇ ಪದ ವಿಶೇಷಣವಾಗಿದ್ದರೆ ಅದೂ ಜೊತೆಗೇ ಬದಲಾಗಬೇಕು. ನಮ್ಮಲ್ಲಿ 'ಒಳ್ಳೆಯದು' ಹೋಗಿ 'ಒಳ್ಳೆಯವಳು' ಆಗೋದಿಲ್ವಾ, ಹಾಗೆ. ಇಷ್ಟು ಹೇಳಿದ ಮೇಲೆ ಕ್ಲಾಸಿನಲ್ಲಿ ಯಾರಿಗೂ ಡೌಟ್ ಉಳಿಯಲಿಲ್ಲ. ಈ ವಿಷಯದಲ್ಲಿ ಕನ್ನಡ ಮೀಡಿಯಂ ಹುಡುಗರೇ ಬೇಗ ಹಿಡಿದರು ಅಂತ ನನಗೆ ಒಳಗೊಳಗೇ ಖುಷಿ.

ಈಗ ಬಣ್ಣದ ವಿಷಯ. ಚಿಪ್ಪು ನೋಡಿದ ಕೂಡಲೇ ಎಲ್ಲರ ಕಣ್ಣೂ ಹೋಗೋದು ಬಣ್ಣಕ್ಕೆ, ಎಲ್ಲರೂ ಮೋಸ ಹೋಗೋದೂ ಅಲ್ಲೇ. ಬೀರುವಿನಲ್ಲಿ ಒಂದು ಹಾರ್ಲಿಕ್ಸ್ ಬಾಟಲಿ ತುಂಬ ಅಂಗಿಯ ಗುಂಡಿಯಂಥ ಸಣ್ಣ ಚಿಪ್ಪುಗಳಿದ್ದವು. ಗುಲಾಬಿ, ಬೂದಿ, ಕಂದು, ಗೆರೆ ಇರೋದು, ಚುಕ್ಕೆ ಇರೋದು. ಎರಡನೇ ವರ್ಷದ ನಾಲ್ಕು ಹುಡುಗಿಯರಿಗೆ ಬೇರೆ ಬೇರೆ ಮಾಡಿ ಅಂತ ಕೊಟ್ಟೆ. ಅವರು ಸಂಜೆವರೆಗೂ ಕೂತು, ರಂಗೋಲಿ ಬಣ್ಣದ ಅಂಗಡಿಯ ಹಾಗೆ ಒಂಬತ್ತು ಗುಡ್ಡೆ ಮಾಡಿ, ಒಂಬತ್ತು ಸ್ಪೀಷೀಸ್ ಮೇಡಂ ಅಂದರು. ಪಾಪ, ಎಲ್ಲ ಒಂದೇ! ಅಂಬೋನಿಯಮ್ ವೆಸ್ಟಿಯೇರಿಯಮ್. ನಮ್ಮ ದೇಶದ ಮರಳು ತೀರಗಳಲ್ಲಿ ರಾಶಿ ರಾಶಿ ಸಿಗುತ್ತದೆ. ಒಂದರ ಹಾಗೆ ಇನ್ನೊಂದು ಇರೋದಿಲ್ಲ, ಆದರೆ ಮಗುಚಿ ನೋಡಿದರೆ ತಳದ ನಡುವೆ ಮೇಣ ಬಿದ್ದಂಥ ಉಬ್ಬು ಎಲ್ಲಕ್ಕೂ ಒಂದೇ. ಅವರು ಮಾಡಿದ ತಪ್ಪನ್ನು ದೊಡ್ಡ ದೊಡ್ಡ ಪಂಡಿತರೂ ಮಾಡಿದ್ದಾರೆ. ಆಲಿವ್ ಚಿಪ್ಪಿನಲ್ಲಿ ಬಣ್ಣಕ್ಕೊಂದು ಹೆಸರು ಇಟ್ಟು, ಆಮೇಲೆ ಬಂದವರು ಅವನ್ನೆಲ್ಲ ಒಂದೊಂದಾಗಿ ಒಂದೇ ಹೆಸರಿನ ಕೆಳಗೆ ಮಡಚಿ ಇಡಬೇಕಾಯಿತು.

ಬಣ್ಣ ವಯಸ್ಸಿಗೂ ಬದಲಾಗುತ್ತದೆ. ಒಂದು ತೆಳು ಚಿಪ್ಪಿನ ಚೀಟಿಯಲ್ಲಿ ಮೇಷ್ಟ್ರು 'ಬುಲ್ಲಾ?' (ಬೇರೊಂದು ಬಸವನ ಹುಳುವಿನ ಜೀನಸ್) ಅಂತ ಬರೆದು ಪ್ರಶ್ನೆ ಚಿಹ್ನೆ ಹಾಕಿದ್ದರು. ನನಗೂ ಒಂದು ತಿಂಗಳು ಹತ್ತಲಿಲ್ಲ. ಅದು ಕವಡೆಯ ಮರಿ. ಮರಿಯಲ್ಲಿ ಕವಡೆಯ ಹಲ್ಲುಗಳೇ ಇರೋದಿಲ್ಲ, ಬಾಯಿ ಅಗಲ, ಪಟ್ಟೆ ಬೇರೆ. ಬೆಳೆದ ಮೇಲೆ ತುಟಿ ಒಳಕ್ಕೆ ಸುರುಳಿಕೊಂಡು, ಹಲ್ಲು ಬಂದು, ಹೊಸ ಬಣ್ಣ ಕೂರುತ್ತದೆ. ಆ ಪ್ರಶ್ನೆ ಚಿಹ್ನೆ ಹಾಕಿದ ಮೇಷ್ಟ್ರ ಮೇಲೆ ನನಗೆ ಗೌರವ ಜಾಸ್ತಿಯಾಯಿತು. ನಾನಾಗಿದ್ದರೆ ಏನೋ ಒಂದು ಹೆಸರು ಬರೆದು ಮುಗಿಸುತ್ತಿದ್ದೆ.

ಹಾಗಾಗಿ ನಾನು ಈಗ ಬಣ್ಣವನ್ನು ಕೊನೆಗೆ ನೋಡುತ್ತೇನೆ. ಮೊದಲು ಬಾಯಿ, ಅಂದರೆ ಹುಳು ಹೊರಗೆ ಬರುವ ಕಿಂಡಿ. ಅದು ದುಂಡಗಿದೆಯೋ ಸೀಳಿನಂತಿದೆಯೋ, ತುದಿಯಲ್ಲಿ ಕೊಳವೆ ಇದೆಯೋ ಇಲ್ಲವೋ. ಆಮೇಲೆ ನಡುಗಂಬದ, ಅಂದರೆ ಚಿಪ್ಪಿನ ಸುತ್ತುಗಳ ನಡುವೆ ಇರುವ ಕಂಬದ ಮೇಲೆ ಮಡಿಕೆ ಇದೆಯೋ, ಹಲ್ಲಿದೆಯೋ. ಎಷ್ಟು ಸುತ್ತು. ವರ್ನಿಯರ್ ಇಟ್ಟು ಉದ್ದ ಅಗಲ. ಇಷ್ಟಾದರೆ ಯಾವ ಕುಟುಂಬ ಅನ್ನೋದು ಬಹುಮಟ್ಟಿಗೆ ಸಿಗುತ್ತದೆ. ಕೊನೆಗೆ ಫೋಟೋ ಮತ್ತು ಪುಸ್ತಕ. ಹಳೇ ಹೆಸರು ಗೊತ್ತಿದ್ದರೆ ಮೊಲಸ್ಕಾಬೇಸ್ ಅನ್ನೋ ತಾಣದಲ್ಲಿ ಹಾಕಿದರೆ ಈಗಿನ ಹೆಸರು ಬರುತ್ತದೆ. ಆದರೆ ಒಂದು ಮಾತು, ಆ ತಾಣ ಹೆಸರನ್ನು ತಿದ್ದುತ್ತದೆ, ನಿಮ್ಮ ಕೈಲಿರೋ ಚಿಪ್ಪನ್ನು ಅದು ನೋಡಿಲ್ಲ. ಚೀಟಿಯಲ್ಲಿ ಮೊದಲೇ ತಪ್ಪು ಹೆಸರು ಇದ್ದರೆ ಆ ತಪ್ಪಿಗೇ ಹೊಸ ಬಟ್ಟೆ ತೊಡಿಸಿ ಕೊಡುತ್ತದೆ. ಆ ಮೂವತ್ತೊಂದರಲ್ಲಿ ಆರಕ್ಕೆ ಹಾಗೇ ಆಗಿತ್ತು.

ಶಂಖದ ಕಥೆ ಇನ್ನೂ ಮಜಾ. ಚೀಟಿಯಲ್ಲಿ 'ಜಾಂಕಸ್ ಪೈರಮ್' ಅಂತಿತ್ತು, ಈಗ 'ಟರ್ಬಿನೆಲ್ಲಾ ಪೈರಮ್'. ಪೂಜೆಗೆ ಇಡೋದು, ಶ್ರಾವಣ ಶನಿವಾರ ದಾಸಯ್ಯ ಜಾಗಟೆ ಜೊತೆ ಊದಿಕೊಂಡು ಬರೋದು ಇದೇ. ಜಾಂಕಸ್ ಅನ್ನೋದು ನಮ್ಮ 'ಶಂಖ' ಪದವೇ ಲ್ಯಾಟಿನ್ ವೇಷ ಹಾಕಿಕೊಂಡು ಬಂದದ್ದು. ಅದನ್ನು ಅಚ್ಚು ಹಾಕಿದ್ದು 1798ರಲ್ಲಿ, ಹ್ಯಾಂಬರ್ಗಿನಲ್ಲಿ. ಬೋಲ್ಟೆನ್ ಅನ್ನೋ ವೈದ್ಯರ ಚಿಪ್ಪಿನ ಸಂಗ್ರಹವನ್ನು ಮಾರಾಟಕ್ಕೆ ಇಡುವಾಗ ರೋಡಿಂಗ್ ಅನ್ನುವವರು ಮಾಡಿದ ಪಟ್ಟಿಯಲ್ಲಿ. ಅಂದರೆ ನಮ್ಮ ಎಪಿಎಂಸಿಯಲ್ಲಿ ಕೊಬ್ಬರಿ ಹರಾಜಿಗೆ ಲಾಟಿನ ಪಟ್ಟಿ ಹಾಕುತ್ತಾರಲ್ಲ, ಆ ಥರದ ಕಾಗದ! ಅದರಲ್ಲಿ ಬಂದ ಎಷ್ಟೋ ಹೆಸರುಗಳು ಇವತ್ತಿಗೂ ಚಾಲ್ತಿ. ಟರ್ಬಿನೆಲ್ಲಾ ಅಂತ ಫ್ರಾನ್ಸಿನ ಜೀವವಿಜ್ಞಾನಿ ಲಾಮಾರ್ಕ್ ಇಟ್ಟದ್ದು ಮಾರನೇ ವರ್ಷ, 1799. ಮೊದಲು ಇಟ್ಟ ಹೆಸರೇ ಗೆಲ್ಲಬೇಕು ಅನ್ನೋದು ನಿಯಮ. ಆದರೂ ಹೆಸರುಗಳ ತಕರಾರು ತೀರ್ಮಾನಿಸುವ ಅಂತರರಾಷ್ಟ್ರೀಯ ಆಯೋಗ ಟರ್ಬಿನೆಲ್ಲಾನೇ ಇರಲಿ ಅಂದಿತು. ನಮ್ಮ ಶಂಖ ಸೋತಿತು ಅಂತ ನನಗೆ ಈಗಲೂ ಸ್ವಲ್ಪ ಹೊಟ್ಟೆ ಉರಿ.

ಈ ಕೆಲಸ ಮಾಡ್ತಿದ್ದೀನಿ ಅಂತ ಸುದ್ದಿ ಹಬ್ಬಿ, ಪರಿಚಯದ ಒಬ್ಬರು ಆನ್‌ಲೈನಿನಲ್ಲಿ ತರಿಸಿದ ಬಲಮುರಿ ಶಂಖ ಹಿಡಿದುಕೊಂಡು ಬಂದರು. ಜಾಸ್ತಿ ದುಡ್ಡು ಕೊಟ್ಟಿದ್ದರು, ಎಷ್ಟು ಅಂತ ಕೇಳೋಕೆ ನನಗೆ ಬಾಯಿ ಬರಲಿಲ್ಲ. ನಾವು ಬಲಮುರಿ ಅನ್ನೋದನ್ನು ವಿಜ್ಞಾನದವರು ಎಡಸುತ್ತು ಅನ್ನುತ್ತಾರೆ. ಅವರು ಚೂಪು ತುದಿ ಮೇಲೆ ಮಾಡಿ, ಬಾಯಿ ತಮ್ಮ ಕಡೆ ತಿರುಗಿಸಿ ನೋಡುತ್ತಾರೆ, ನಾವು ತಲೆಕೆಳಗು ಹಿಡಿಯುತ್ತೇವೆ, ಅಷ್ಟೇ ವ್ಯತ್ಯಾಸ. ಎಡಸುತ್ತಿನ ಟರ್ಬಿನೆಲ್ಲಾ ಬಹಳ ಅಪರೂಪ. ಅವರು ತಂದಿದ್ದರ ಬಾಯೊಳಗೆ ಟಾರ್ಚ್ ಬಿಟ್ಟು ನೋಡಿದೆ. ನಮ್ಮ ಶಂಖಕ್ಕೆ ನಡುಗಂಬದ ಮೇಲೆ ಮೂರು ನಾಲ್ಕು ಮಡಿಕೆ ಇರಬೇಕು. ಇದು ನುಣ್ಣಗಿತ್ತು. ಅಮೆರಿಕದ ತೀರದಲ್ಲಿ ಹುಟ್ಟುತ್ತಲೇ ಎಡಕ್ಕೆ ಸುತ್ತುವ ಬೇರೆಯದೇ ಜೀವಿ ಇದೆ, ಅದನ್ನೇ ಇಲ್ಲಿ ಬಲಮುರಿ ಅಂತ ಮಾರುತ್ತಾರೆ. ಹೇಗೆ ಹೇಳೋದು? "ಅಣ್ಣಾ, ಇದು ಶಂಖವೇ, ಆದರೆ ನಮ್ಮ ಕಡೆಯದಲ್ಲ" ಅಂದೆ. ಅವರು ಒಂದು ಕ್ಷಣ ಸುಮ್ಮನಿದ್ದು, "ಇರಲಿ ಬಿಡಮ್ಮ, ಪೂಜೆ ಮಾಡಿ ಆಯ್ತಲ್ಲ" ಅಂದು ಬಟ್ಟೆಯಲ್ಲಿ ಸುತ್ತಿಕೊಂಡು ಹೋದರು.

ಕೊಳ್ಳೋ ವಿಷಯ ಬಂದಿದ್ದಕ್ಕೆ ಹೇಳುತ್ತೇನೆ. ಕೊಂಬಿನ ದೊಡ್ಡ ಹೆಲ್ಮೆಟ್ ಚಿಪ್ಪು, ಅಂದರೆ ಕ್ಯಾಸಿಸ್ ಕಾರ್ನೂಟಾ, ಮತ್ತು ಟ್ರೈಟನ್ ಶಂಖ ವನ್ಯಜೀವಿ ಕಾಯ್ದೆಯ ಪಟ್ಟಿಯಲ್ಲಿವೆ. ಬೀಚಿನ ಅಂಗಡಿಯಲ್ಲಿ ಚೆಂದ ಕಂಡರೂ ಕೈ ಹಾಕಬೇಡಿ.

ಒಟ್ಟು 143ರಲ್ಲಿ 118ಕ್ಕೆ ಪೂರ್ತಿ ಹೆಸರು ಬರೆದಿದ್ದೇನೆ. ಉಳಿದ 25ಕ್ಕೆ ಜೀನಸ್ ಮಾತ್ರ ಬರೆದು ಮುಂದೆ ಮೇಷ್ಟ್ರ ಹಾಗೆ ಪ್ರಶ್ನೆ ಚಿಹ್ನೆ. ತಪಾಸಣೆ ತಂಡ ಬೀರುವಿನ ಮುಂದೆ ಎರಡು ನಿಮಿಷ ನಿಂತು ಚೆನ್ನಾಗಿದೆ ಅಂತ ಹೇಳಿ ಕಾಫಿಗೆ ಹೋಯಿತು.

ಕೊನೆಗೆ ಮನೆಯ ಚೌಕಾಬಾರದ ಡಬ್ಬಿ ತೆಗೆದೆ. ಅಜ್ಜಿ ಕಾಲದ ನಾಲ್ಕು ಕವಡೆ. ಮೂರು ಮೊನೆಟಾ. ನಾಲ್ಕನೆಯದರ ಬೆನ್ನ ಮೇಲೆ ಸವೆದು ಹೋದ ಹಳದಿ ಉಂಗುರ, ಅದು ಮೊನೆಟೇರಿಯಾ ಆನ್ಯುಲಸ್. ಚಿಕ್ಕಂದಿನಿಂದ ಅದನ್ನು ಎಸೆದಿದ್ದೇನೆ, ಬೇರೆ ಅಂತ ಗೊತ್ತೇ ಇರಲಿಲ್ಲ. ಬೀರುವಿನಲ್ಲಿ ಆನ್ಯುಲಸ್ ಇರಲಿಲ್ಲ, ಅದಕ್ಕೆ ತೆಗೆದುಕೊಂಡು ಹೋಗಿ ಇಟ್ಟೆ. ಚೀಟಿಯಲ್ಲಿ ಹೆಸರು, ಬ್ರಾಕೆಟ್ಟಿನಲ್ಲಿ ಲಿನೇಯಸ್, 1758, ಸಿಕ್ಕಿದ ಜಾಗ: ತಿಪಟೂರು, ಅಜ್ಜಿಯ ಡಬ್ಬಿ. ಎರಡು ವಾರ ಇತ್ತು. ಹಬ್ಬಕ್ಕೆ ಚಿಕ್ಕಮ್ಮಂದಿರು ಬಂದಾಗ ಅಮ್ಮ ಮೂರು ಕವಡೆಯಲ್ಲಿ ಎಂಥ ಆಟ ಅಂತ ಗಲಾಟೆ ಮಾಡಿ ವಾಪಸ್ ತರಿಸಿಕೊಂಡರು. ಈಗ ಬೀರುವಿನಲ್ಲಿ ಚೀಟಿ ಮಾತ್ರ ಇದೆ.