ಗೇರುಮರದ ಕೀಟ, ರೋಗ: ನಾನು ಮಾಡಿಕೊಂಡು ಬಂದದ್ದು

ನಮ್ಮ ಪುತ್ತೂರಿನ ಕಡೆ ಗೇರು ಅಂದರೆ ಗುಡ್ಡೆಯ ಬೆಳೆ. ಅಡಿಕೆಗೆ ನೀರು, ಗೊಬ್ಬರ, ಔಷಧಿ ಎಲ್ಲ ಕಾಲಕ್ಕೆ ಸರಿಯಾಗಿ ಸಿಗುತ್ತದೆ. ಗೇರಿನ ನೆನಪಾಗುವುದು ಬೀಜ ಹೆಕ್ಕುವ ಹೊತ್ತಿಗೆ. ಗೇರು ಬೆಳೆಯುವವರು ಸಿಕ್ಕಿದರೆ ಮೊದಲು ಕೇಳುವುದು "ಟೀ ಸೊಳ್ಳೆಗೆ ಏನು ಹೊಡೀತೀರಿ?" ಅಂತ. ನಾನು ತಿರುಗಿ ಕೇಳುತ್ತೇನೆ, ಮರದ ಬುಡ ನೋಡಿದ್ದೀರಾ? ಚಿಗುರು, ಹೂವಿನ ರಸ ಹೀರುವ ಟೀ ಸೊಳ್ಳೆ ಎಂಬ ಕೀಟದಿಂದ ಆ ವರ್ಷದ ಫಸಲು ಹೋಗುತ್ತದೆ. ಕಾಂಡ ಕೊರೆಯುವ ಹುಳದಿಂದ ಮರವೇ ಹೋಗುತ್ತದೆ.

ಇದು ಕೆಂಪು ಮಿಶ್ರಿತ ಕಂದು ಬಣ್ಣದ ಒಂದು ದೊಡ್ಡ ದುಂಬಿಯ ಮರಿಹುಳ. ದುಂಬಿ ಬುಡದ ತೊಗಟೆಯ ಬಿರುಕಿನಲ್ಲಿ, ಮಣ್ಣಿನ ಮೇಲೆ ಕಾಣುವ ಬೇರಿನಲ್ಲಿ ಮೊಟ್ಟೆ ಇಡುತ್ತದೆ. ಮರಿ ತೊಗಟೆಯ ಅಡಿಯಲ್ಲಿ ತಿನ್ನುತ್ತಾ ಸುತ್ತ ಹೋಗುತ್ತದೆ. ಎಲೆ ಹಳದಿಯಾಗಿ ಉದುರುವಾಗ ಮರ ಹೆಚ್ಚುಕಡಿಮೆ ಕೈಬಿಟ್ಟ ಹಾಗೆಯೇ. ಆದ್ದರಿಂದ ತಲೆ ಎತ್ತಿ ನೋಡಿದರೆ ಸಾಲದು, ಕುಕ್ಕರಗಾಲಲ್ಲಿ ಕೂತು ನೋಡಬೇಕು. ಬುಡದಲ್ಲಿ ಸಣ್ಣ ತೂತು, ಅದರಿಂದ ಒಸರುವ ಅಂಟು, ಕೆಳಗೆ ಬಿದ್ದ ಕಂದು ಹುಡಿ ಕಂಡರೆ ಹುಳ ಇದೆ ಅಂತಲೇ ಲೆಕ್ಕ. ಹುಡಿ ಹಸಿಯಾಗಿ ಕೈಗೆ ಅಂಟಿದರೆ ಅದು ಈಗಲೂ ಒಳಗೆ ತಿನ್ನುತ್ತಿದೆ.

ನಾನು ಉಳಿ, ಸುತ್ತಿಗೆ ಹಿಡಿದು ಅಲ್ಲೇ ತೊಗಟೆ ಬಿಡಿಸುತ್ತೇನೆ. ಸತ್ತ ತೊಗಟೆ ಕಪ್ಪಗಿರುತ್ತದೆ, ಸುಲಭದಲ್ಲಿ ಏಳುತ್ತದೆ. ಜೀವ ಇರುವ ತೊಗಟೆಗೆ ಉಳಿ ತಾಗಿಸಬಾರದು. ಸುರಂಗದಲ್ಲಿ ಒತ್ತಾಗಿ ತುಂಬಿದ ಹುಡಿಯನ್ನು ಕೆದಕುತ್ತಾ ಹೋದರೆ ಕೊನೆಯಲ್ಲಿ ಬಿಳಿ ಹುಳ ಸಿಗುತ್ತದೆ. ಬೆರಳಿನಷ್ಟು ಉದ್ದ, ದಪ್ಪ ತಲೆ. ಒಂದು ಸಿಕ್ಕಿತು ಅಂತ ನಿಲ್ಲಿಸಬೇಡಿ, ಒಂದೇ ಮರದಲ್ಲಿ ಸಣ್ಣದು ದೊಡ್ಡದು ಒಟ್ಟಿಗೆ ಇರುತ್ತವೆ. ಬೇರಿನ ಕಡೆಗೆ ಸುರಂಗ ಇಳಿದಿದ್ದರೆ ಮಣ್ಣು ಬಿಡಿಸಿ ಅಲ್ಲೂ ನೋಡಬೇಕು. ಎಲ್ಲ ತೆಗೆದ ಮೇಲೆ 20 ಇಸಿ (ಅಂದರೆ ಶೇ. 20ರ ದ್ರವರೂಪದ ಕೀಟನಾಶಕ) ಕ್ಲೋರ್‌ಪೈರಿಫಾಸನ್ನು ಲೀಟರ್ ನೀರಿಗೆ 10 ಎಂ.ಎಲ್. ಬೆರೆಸಿ ಬುಡಕ್ಕೂ ಬೇರಿಗೂ ಬಳಿಯುತ್ತೇನೆ. ಕೈಗೆ ಗ್ಲೌಸ್ ಹಾಕಲೇಬೇಕು. ಬುಡದ ಸುತ್ತಳತೆಯಲ್ಲಿ ಅರ್ಧಕ್ಕಿಂತ ಜಾಸ್ತಿ ತೊಗಟೆ ಹೋಗಿದ್ದರೆ ಆ ಮರದ ಆಸೆ ಬಿಡುವುದೇ ಒಳ್ಳೆಯದು. ಕಡಿದು, ಬೇರಿನ ಸಮೇತ ಕಿತ್ತು ಸುಟ್ಟುಬಿಡಿ. ಸುಮ್ನೆ ನಿಲ್ಲಿಸಿದರೆ ಅದರಿಂದ ಹೊರಟ ದುಂಬಿಗಳು ಪಕ್ಕದ ಮರಕ್ಕೆ ಹೋಗುತ್ತವೆ. ಇದನ್ನು ಎಷ್ಟು ಹೇಳಿದರೂ ಜನ ಮಾಡುವುದಿಲ್ಲ, ನನಗೆ ಬೇಜಾರಾಗುವುದು ಅಲ್ಲೇ.

ಇನ್ನು ಟೀ ಸೊಳ್ಳೆ. ಅದು ಸೊಳ್ಳೆಯಲ್ಲ, ರಸ ಹೀರುವ ತಿಗಣೆ. ಬೆನ್ನ ಮೇಲೆ ಗುಂಡುಸೂಜಿ ಚುಚ್ಚಿಟ್ಟ ಹಾಗೆ ಒಂದು ಮುಳ್ಳು ಇರುತ್ತದೆ, ಅದರಿಂದ ಗುರುತು ಹಿಡಿಯಬಹುದು. ಮಳೆ ಕಳೆದು ಅಕ್ಟೋಬರ್, ನವೆಂಬರಲ್ಲಿ ಚಿಗುರು ಬರುವಾಗ ಶುರುವಾಗಿ ಹೂ, ಎಳೆ ಬೀಜದ ತನಕ ಕಾಡುತ್ತದೆ. ಚುಚ್ಚಿದಲ್ಲಿ ಕಪ್ಪು ಕಲೆ, ಆಮೇಲೆ ಹೂಗೊಂಚಲು ಪೂರ್ತಿ ಸುಟ್ಟಂತೆ ಒಣಗುತ್ತದೆ. ನಡು ಮಧ್ಯಾಹ್ನ ಹುಡುಕಿದರೆ ಕಾಣುವುದು ಕಷ್ಟ, ಬೆಳಿಗ್ಗೆ ಬೇಗ ಹೋಗಿ. ಅಡಿಕೆ ತೋಟದಲ್ಲಿ ಕೊಕ್ಕೋ ಇದ್ದರೆ ಅದರ ಕಾಯನ್ನೂ ನೋಡಿ. ಕೊಕ್ಕೋ, ಪೇರಳೆ, ಬೇವು ಎಲ್ಲದರಲ್ಲೂ ಇದು ಬದುಕುತ್ತದೆ. ಗೇರು ಚಿಗುರಿಲ್ಲದ ದಿನಗಳಲ್ಲಿ ಅದಕ್ಕೆ ಅಲ್ಲೇ ಊಟ.

ನಾನು ತಾರೀಖು ನೋಡಿ ಔಷಧಿ ಹೊಡೆಯುವುದಿಲ್ಲ. ಗುಡ್ಡೆಯ ನಾಲ್ಕು ಕಡೆಯ ಮರಗಳಲ್ಲಿ ಚಿಗುರು ನೋಡುತ್ತೇನೆ. ಹತ್ತು ಚಿಗುರಲ್ಲಿ ಒಂದಕ್ಕಿಂತ ಜಾಸ್ತಿ ಹೊಸ ಕಲೆ ಕಂಡರೆ ಮಾತ್ರ ಲ್ಯಾಂಬ್ಡಾ ಸೈಹಲೋಥ್ರಿನ್ 5 ಇಸಿ, ಲೀಟರಿಗೆ 0.6 ಎಂ.ಎಲ್., ಅದೂ ಸಂಜೆ. ಹೂವಿಗೆ ಜೇನು ಬರುತ್ತದೆ, ಅಲ್ವಾ? ಅದನ್ನು ಕೊಂದು ಬೀಜ ಎಲ್ಲಿಂದ ತರುವುದು?

ಚಗಳಿ ಇರುವ ಮರಕ್ಕೆ ಅದನ್ನೂ ಹೊಡೆಯುವುದಿಲ್ಲ. ಎಲೆ ಹೆಣೆದು ಗೂಡು ಕಟ್ಟುವ ಆ ಕೆಂಪು ಇರುವೆ ಟೀ ಸೊಳ್ಳೆಯನ್ನು ಚಿಗುರಲ್ಲಿ ಕೂರಲು ಬಿಡುವುದಿಲ್ಲ, ಮರಿ ಸಿಕ್ಕಿದರೆ ಹೊತ್ತೊಯ್ಯುತ್ತದೆ. ಒಂದು ಮರದಿಂದ ಇನ್ನೊಂದಕ್ಕೆ ಹಗ್ಗ ಕಟ್ಟಿಕೊಟ್ಟರೆ ಅವೇ ದಾಟಿ ಹೊಸ ಗೂಡು ಮಾಡುತ್ತವೆ. ಬೇರೆ ಬೇರೆ ಗುಂಪಿನ ಗೂಡುಗಳನ್ನು ತಂದು ಒಟ್ಟಿಗೆ ಬಿಡಬೇಡಿ, ಕಚ್ಚಾಡಿ ಎರಡೂ ಹಾಳಾಗುತ್ತವೆ. ಕೆಲಸದವರಿಗೆ ಕಚ್ಚುತ್ತವೆ ಎನ್ನುವುದು ನಿಜ. ಆದರೆ ಗೇರುಬೀಜವನ್ನು ನಾವು ಬಿದ್ದ ಮೇಲೆ ನೆಲದಿಂದ ಹೆಕ್ಕುವುದು ತಾನೇ? ಮರ ಹತ್ತುವ ಕೆಲಸ ಕಡಿಮೆ. ಕಾಲಿಗೆ ಬೂದಿ ಉಜ್ಜಿಕೊಂಡರೆ ಸುಧಾರಿಸಬಹುದು.

ಇರುವೆಯ ಮೇಲೆ ನನಗಿರುವ ಪ್ರೀತಿಗೆ ಇನ್ನೊಂದು ಕಾರಣ ಇದೆ. ಇದೇ ಟೀ ಸೊಳ್ಳೆಯನ್ನು ಕೊಲ್ಲಲು ಕಾಸರಗೋಡಿನ ಗೇರು ತೋಟಗಳಿಗೂ ನಮ್ಮ ಕೊಕ್ಕಡದ ಸುತ್ತಮುತ್ತಲಿಗೂ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿದರು. 2011ರಲ್ಲಿ ಸುಪ್ರೀಂ ಕೋರ್ಟ್ ಎಂಡೋಸಲ್ಫಾನನ್ನೇ ನಿಷೇಧಿಸುವ ಹೊತ್ತಿಗೆ ಎಷ್ಟೋ ಮನೆಗಳಲ್ಲಿ ಮಕ್ಕಳ ಬದುಕು ಹಾಳಾಗಿತ್ತು. ಆ ಮನೆಗಳಲ್ಲಿ ಇವತ್ತಿಗೂ ಮಲಗಿದಲ್ಲೇ ಇರುವವರಿದ್ದಾರೆ. ಔಷಧಿ ಡಬ್ಬ ತೆರೆಯುವಾಗ ಇದು ನೆನಪಿರಬೇಕು.

ರೋಗಗಳು ಗೇರಿಗೆ ಅಷ್ಟು ದೊಡ್ಡ ತಲೆನೋವಲ್ಲ. ಮಳೆಗಾಲದಲ್ಲಿ ಕೊಂಬೆಯ ಮೇಲೆ ಗುಲಾಬಿ ಬಣ್ಣದ ಬೂಸ್ಟು ಬಂದು ತುದಿಯಿಂದ ಒಣಗಿದರೆ, ಒಣಗಿದ ಭಾಗದಿಂದ ಸ್ವಲ್ಪ ಕೆಳಗೆ ಕತ್ತರಿಸಿ ಬೋರ್ಡೋ ಪೇಸ್ಟ್ (ಮೈಲುತುತ್ತು, ಸುಣ್ಣ ಸೇರಿಸಿದ ಲೇಪ) ಹಚ್ಚಿ. ಅಡಿಕೆಗೆ ಹೊಡೆಯುವ ಶೇ. 1ರ ಬೋರ್ಡೋ ದ್ರಾವಣವನ್ನೇ ಉಳಿದ ಕೊಂಬೆಗಳಿಗೂ ಹೊಡೆಯಬಹುದು.

ಹೊಸದಾಗಿ ನೆಡುವವರು ಪುತ್ತೂರಿನ ಗೇರು ಸಂಶೋಧನಾ ನಿರ್ದೇಶನಾಲಯದಲ್ಲಿ ಭಾಸ್ಕರ ತಳಿಯ ಕಸಿ ಗಿಡ ಕೇಳಿ ನೋಡಿ. ಅದು ಹೂ ಬಿಡುವ ಕಾಲದಿಂದಾಗಿ ಟೀ ಸೊಳ್ಳೆಯ ಜೋರಿನಿಂದ ಸ್ವಲ್ಪ ತಪ್ಪಿಸಿಕೊಳ್ಳುತ್ತದೆ. ನೆಟ್ಟ ಮೊದಲ ವರ್ಷಗಳಲ್ಲೇ ಕೆಳಗಿನ ಕೊಂಬೆ ತೆಗೆಯುತ್ತಾ ಬನ್ನಿ. ಬುಡಕ್ಕೆ ಬೆಳಕು ಬೀಳಬೇಕು, ಸುತ್ತಲಿನ ಕಾಡುಕಳೆ ಸವರಿರಬೇಕು, ದಾರಿಯಲ್ಲಿ ಹೋಗುವಾಗಲೇ ಹುಳ ಕೊರೆದ ಹುಡಿ ಕಾಣುವಂತಿರಬೇಕು.