ಬಿಸಿಲ ನಾಡಿನ ಮನೆಗೆ ತಂಪು: ಡಕ್ಟ್ ಕೂಲರೋ, ಎಸಿಯೋ, ಎರಡೂ ಬೇಕೋ?

ಅಂಗಡಿಗೆ ಕಾಲಿಟ್ಟ ಕೂಡಲೇ ಕೇಳುವುದು ‘ರೂಮು ಎಷ್ಟು ಅಡಿ, ಎಷ್ಟು ಟನ್ ಕೊಡಲಿ?’ ಎಂದೇ. ಕಲಬುರಗಿ, ರಾಯಚೂರು, ಯಾದಗಿರಿ, ಬಳ್ಳಾರಿ, ವಿಜಯಪುರ ಕಡೆಯವರು ಅದಕ್ಕೆ ಉತ್ತರ ಕೊಡುವ ಮೊದಲು ಮನೆಯಲ್ಲೇ ಮೂರು ಲೆಕ್ಕ ಹಾಕಿಕೊಳ್ಳಬೇಕು. ನಿಮ್ಮೂರ ಗಾಳಿ ಎಷ್ಟು ಒಣಗಿದೆ? ದಿನಕ್ಕೆ ಎಷ್ಟು ನೀರು, ಎಂಥ ನೀರು ಸಿಗುತ್ತದೆ? ತಾರಸಿ ಎಷ್ಟು ಕಾಯುತ್ತದೆ? ಲಕ್ಷಗಟ್ಟಲೆ ಸುರಿದ ಮೇಲೂ ‘ಮನೆ ತಂಪಾಗ್ತಿಲ್ಲ’ ಎನ್ನುವವರ ಮನೆಗಳಲ್ಲಿ ಯಂತ್ರ ಕೆಟ್ಟಿರುವುದು ಕಡಿಮೆ, ಈ ಮೂರರಲ್ಲಿ ಒಂದು ಲೆಕ್ಕ ತಪ್ಪಿರುವುದೇ ಹೆಚ್ಚು.

ಎರಡು ಥರ್ಮಾಮೀಟರಿನ ಪರೀಕ್ಷೆ

ಗೋಡೆಗೆ ತೂಗುಹಾಕುವ, 50 ಡಿಗ್ರಿವರೆಗೆ ಗುರುತಿರುವ ಎರಡು ಗಾಜಿನ ಥರ್ಮಾಮೀಟರ್ ತನ್ನಿ. ಒಂದು ರಾತ್ರಿ ಅಕ್ಕಪಕ್ಕ ಇಟ್ಟು, ಎರಡೂ ಒಂದೇ ಅಂಕಿ ತೋರಿಸುತ್ತವೆಯೇ ನೋಡಿ. ಒಂದರ ಬುಡದ ಗುಂಡಿಗೆ ತೊಳೆದ ಹಳೇ ಪಂಚೆಯ ತುಂಡು ಸುತ್ತಿ, ಬಟ್ಟೆಯ ಬಾಲ ಸಣ್ಣ ಬಟ್ಟಲ ನೀರಿನಲ್ಲಿ ಮುಳುಗಿರಲಿ. ಫ್ರಿಜ್ ನೀರು ಬೇಡ, ಕೊಡದ ನೀರು ಸಾಕು. ಮಧ್ಯಾಹ್ನ 3 ಗಂಟೆಗೆ ಪಡಸಾಲೆಯ ನೆರಳಲ್ಲಿ ಎರಡನ್ನೂ ಇಟ್ಟು, ಟೇಬಲ್ ಫ್ಯಾನಿನಿಂದ 5 ನಿಮಿಷ ಗಾಳಿ ಬಿಟ್ಟು ಓದಿ. ಎರಡರ ನಡುವಿನ ಅಂತರವೇ ನಿಮ್ಮ ಊರಿನ ಬಂಡವಾಳ.

ಹೊರಗೆ 42 ಡಿಗ್ರಿ, ತೇವಾಂಶ ಶೇ 20 ಇದ್ದ ದಿನ ಒದ್ದೆ ಥರ್ಮಾಮೀಟರ್ ಸುಮಾರು 24 ತೋರಿಸುತ್ತದೆ. ಅಂತರ 18. ಕೂಲರಿನಲ್ಲಿ ನೀರಿಗೆ ನೆನೆದು ಗಾಳಿಯನ್ನು ತಣಿಸುವ ಒಳ್ಳೆಯ ಜೇನುಗೂಡು ಪ್ಯಾಡು ಈ ಅಂತರದ ಶೇ 80ರಿಂದ 85ರಷ್ಟನ್ನು ಇಳಿಸಬಲ್ಲದು, ಅಂದರೆ ಕೂಲರಿನ ಬಾಯಲ್ಲಿ 27 ಡಿಗ್ರಿಯ ಗಾಳಿ. ಅದೇ ಮನೆಯಲ್ಲಿ ಮೃಗಶಿರ ಮಳೆ ಹಿಡಿದ ಮೇಲೆ ಹೊರಗೆ 34 ಡಿಗ್ರಿ, ತೇವಾಂಶ ಶೇ 60 ಆದಾಗ ಒದ್ದೆ ಥರ್ಮಾಮೀಟರ್ 27.5ಕ್ಕೆ ನಿಲ್ಲುತ್ತದೆ. ಆಗ ಕೂಲರ್ ಇಳಿಸುವುದು ಐದೇ ಡಿಗ್ರಿ, ಮೇಲಾಗಿ ಮನೆಗೆ ತೇವ ತುಂಬುತ್ತದೆ. ಏಪ್ರಿಲಿನಲ್ಲಿ ಝಳ ಕಳೆದ ಯಂತ್ರವೇ ಜೂನಿನಲ್ಲಿ ಸೆಕೆ ಮಾಡುವುದು ಹೀಗೆ.

ಯುಗಾದಿ ಕಳೆದ ಮೇಲೊಮ್ಮೆ, ಮೇ ನಡುವೊಮ್ಮೆ, ರೋಹಿಣಿ ಮಳೆಯಲ್ಲೊಮ್ಮೆ ಅಳೆದು ಬರೆದಿಡಿ. ಅಂತರ 12 ಡಿಗ್ರಿಗಿಂತ ಹೆಚ್ಚಿದ್ದರೆ ನೀರಿನ ಕೂಲರ್ ಧಾರಾಳವಾಗಿ ಕೆಲಸ ಮಾಡುತ್ತದೆ. 8ರಿಂದ 12ರ ನಡುವೆ ಫ್ಯಾನಿನ ಜತೆ ನಡೆಯುತ್ತದೆ. 8ಕ್ಕಿಂತ ಕಡಿಮೆಯಾದ ದಿನ ಎಸಿಯೇ ಬೇಕು. ಸಾಮಾನ್ಯ ಕೂಲರಿನ ಗಾಳಿ ಒದ್ದೆ ಥರ್ಮಾಮೀಟರಿನ ಅಂಕಿಗಿಂತ ಕೆಳಗೆ ಇಳಿಯುವುದು ಸಾಧ್ಯವೇ ಇಲ್ಲ. 42ರ ಬಿಸಿಲಲ್ಲಿ 18 ಡಿಗ್ರಿ ಕೊಡುತ್ತೇವೆ ಎಂದು ಯಾರಾದರೂ ಹೇಳಿದರೆ ಅಲ್ಲಿಂದ ಎದ್ದು ಬನ್ನಿ.

ನೀರಿನ ಲೆಕ್ಕ

ಇಲ್ಲೇ ಹೆಚ್ಚಿನವರು ಎಡವುವುದು. ಇಡೀ ಮನೆಗೆ ಗಂಟೆಗೆ 10,000 ಘನ ಮೀಟರ್, ಅಂದರೆ ಸುಮಾರು 6,000 ಸಿಎಫ್‌ಎಂ (ನಿಮಿಷಕ್ಕೆ ಘನ ಅಡಿ) ಗಾಳಿಯನ್ನು ದೊಡ್ಡ ಕೊಳವೆಗಳ ಮೂಲಕ ಕೋಣೆಗಳಿಗೆ ಕೊಡುವ ನೀರಿನ ಕೂಲರ್, ಅಂದರೆ ಡಕ್ಟ್ ಕೂಲರ್, ಕಡುಬೇಸಿಗೆಯ ಮಧ್ಯಾಹ್ನ ಗಂಟೆಗೆ ಹತ್ತಿರ ಹತ್ತಿರ 70 ಲೀಟರ್ ನೀರನ್ನು ಆವಿ ಮಾಡುತ್ತದೆ. ಆವಿಯಾಗುವುದು ನೀರು ಮಾತ್ರ, ಉಪ್ಪು ತೊಟ್ಟಿಯಲ್ಲೇ ಉಳಿದು ಗಟ್ಟಿಯಾಗುತ್ತ ಹೋಗುತ್ತದೆ. ಅದು ಪ್ಯಾಡಿನ ಮೇಲೆ ಕಟ್ಟದಂತೆ ತೊಟ್ಟಿಯಿಂದ ಸ್ವಲ್ಪ ಸ್ವಲ್ಪ ನೀರನ್ನು ಹೊರಕ್ಕೆ ಬಿಡುತ್ತಲೇ ಇರಬೇಕು. ತೊಟ್ಟಿಯ ಉಪ್ಪು ಬರುವ ನೀರಿನ ಮೂರು ಪಟ್ಟು ದಾಟಬಾರದು ಎಂದರೆ, ಆವಿಯಾದುದರ ಅರ್ಧದಷ್ಟನ್ನು ಬಿಡಬೇಕು: ಗಂಟೆಗೆ 35 ಲೀಟರ್. ಒಟ್ಟು 105 ಲೀಟರ್. ದಿನಕ್ಕೆ 10 ಗಂಟೆ ಓಡಿಸಿದರೆ ಸಾವಿರ ಲೀಟರಿನ ಒಂದು ಸಿಂಟೆಕ್ಸ್ ಖಾಲಿ. ಬೇಸಿಗೆಯಲ್ಲಿ ಟ್ಯಾಂಕರ್ ತರಿಸುವ ಬಡಾವಣೆಯಲ್ಲಿ ಇದು ನಡೆಯದ ಮಾತು. ಅಂಥ ಮನೆಯವರು ಮುಂದಿನ ಕೂಲರ್ ಭಾಗ ಬಿಟ್ಟು ನೇರ ಎಸಿಗೆ ಹೋಗುವುದೇ ಸರಿ.

ನೀರಿನಲ್ಲಿ ಕರಗಿದ ಉಪ್ಪನ್ನು ತೋರಿಸುವ, ಪೆನ್ನಿನಂಥ ಟಿಡಿಎಸ್ ಮೀಟರಿನಿಂದ ನಲ್ಲಿ ನೀರು, ಬೋರ್ ನೀರು ಎರಡನ್ನೂ ಅಳೆಯಿರಿ. ಬೋರಿನ ಸವಳು ನೀರು 1,000 ಪಿಪಿಎಂ ದಾಟಿದ್ದರೆ ನಲ್ಲಿ ನೀರನ್ನು ಬೆರೆಸಿ ಬಳಸಿ, ಇಲ್ಲವೇ ಹೊರಬಿಡುವ ನೀರನ್ನು ಹೆಚ್ಚಿಸಿ. ಆರ್‌ಒ ಯಂತ್ರದ ತ್ಯಾಜ್ಯ ನೀರನ್ನು ಕೂಲರಿಗೆ ಹಾಕುವ ರೂಢಿ ಅನೇಕ ಮನೆಗಳಲ್ಲಿದೆ. ನೀರು ಪೋಲಾಗದಿರಲಿ ಎಂಬ ಕಾಳಜಿ ಒಳ್ಳೆಯದೇ, ಆದರೆ ಅದು ಉಪ್ಪು ಗಟ್ಟಿಯಾದ ನೀರು, ಪ್ಯಾಡು ಒಂದೇ ಬೇಸಿಗೆಗೆ ಕಲ್ಲಾಗುತ್ತದೆ. ಆ ನೀರನ್ನು ನೆಲ ಒರೆಸಲು ಬಳಸಿ. ಸಾಫ್ಟ್‌ನರ್ ಹಾಕಿಸಿದರೆ ಗಟ್ಟಿ ಪೊರೆ ಕಡಿಮೆಯಾಗುತ್ತದೆ, ಒಟ್ಟು ಉಪ್ಪು ಹಾಗೇ ಇರುತ್ತದೆ. ಹೀಗಾಗಿ ನೀರು ಹೊರಬಿಡುವುದು ತಪ್ಪುವುದಿಲ್ಲ.

ಯಂತ್ರಕ್ಕಿಂತ ಮೊದಲು ತಾರಸಿ

ಬಿಸಿಲಿಗೆ ಬಿದ್ದ ಆರ್‌ಸಿಸಿ ಸ್ಲ್ಯಾಬಿನ ಮೇಲ್ಮೈ 60 ಡಿಗ್ರಿ ದಾಟುತ್ತದೆ. ಆ ಕಾವು ಒಳಗಿಳಿಯಲು ಕೆಲವು ಗಂಟೆ ಬೇಕು. ಅದಕ್ಕೇ ರಾತ್ರಿ 10ಕ್ಕೆ ಸ್ಟೂಲು ಹತ್ತಿ ಸೀಲಿಂಗಿಗೆ ಅಂಗೈ ಇಟ್ಟರೂ ಚುರ್ರೆನ್ನುತ್ತದೆ. ಹಳೇ ಮಾಳಿಗೆ ಮನೆಗಳಲ್ಲಿ ಮಣ್ಣಿನ ದಪ್ಪ ಪದರ ಈ ಕಾವನ್ನು ತಡೆಯುತ್ತಿತ್ತು. ಈಗ ಆ ಕೆಲಸವನ್ನು ಸ್ಲ್ಯಾಬಿನ ಮೇಲೆ ವಾಟರ್‌ಪ್ರೂಫಿಂಗ್, 50 ಮಿಲಿಮೀಟರ್ ಎಕ್ಸ್‌ಪಿಎಸ್ (ಕಾವು ತಡೆಯುವ ಗಟ್ಟಿ ಫೋಮ್) ಹಲಗೆ, ಅದರ ಮೇಲೆ ಕಾಂಕ್ರೀಟ್ ಪದರ ಮತ್ತು ಬಿಳಿ ಟೈಲ್ಸ್ ಮಾಡುತ್ತವೆ. ಅಷ್ಟು ಆಗದಿದ್ದರೆ ಪ್ರತಿ ವರ್ಷ ಶಿವರಾತ್ರಿ ಹೊತ್ತಿಗೆ ಬಿಳಿ ಕೂಲ್ ರೂಫ್ ಬಣ್ಣ ಅಥವಾ ಸುಣ್ಣ ಎರಡು ಕೋಟ್ ಹೊಡೆಸಿ. ಧೂಳು ಕೂತ ಬಿಳಿ ಬಣ್ಣ ಬಿಸಿಲನ್ನು ಹಿಂದಕ್ಕೆ ಕಳಿಸುವುದಿಲ್ಲ, ತಿಂಗಳಿಗೊಮ್ಮೆ ಗುಡಿಸಿ ತೊಳೆಯಿರಿ. ಪಡುವಣ ಕಿಟಕಿಗೆ ಒಳಗಿನ ಪರದೆಗಿಂತ ಹೊರಗಿನ ತಟ್ಟಿ ಎಷ್ಟೋ ಮೇಲು, ಬಿಸಿಲು ಗಾಜಿಗೆ ತಾಗುವ ಮೊದಲೇ ನಿಲ್ಲುತ್ತದೆ.

ಯಾವ ಮನೆಗೆ ಯಾವುದು

ಸ್ವಂತ ಜಾಗದ ಮನೆ, ನೆಚ್ಚಿಕೊಳ್ಳಬಹುದಾದ ನೀರು ಎರಡೂ ಇದ್ದರೆ ನಮ್ಮ ಸಲಹೆ ಒಂದೇ: ಇಡೀ ಮನೆಗೆ ಎರಡು ಹಂತದ ಡಕ್ಟ್ ಕೂಲರ್, ಮಲಗುವ ಒಂದು ಕೋಣೆಗೆ ಮಾತ್ರ ಇನ್ವರ್ಟರ್ ಎಸಿ. ಎರಡು ಹಂತದ ಯಂತ್ರದಲ್ಲಿ ಮೊದಲ ಹಂತ ಗಾಳಿಯನ್ನು ನೀರು ತಾಗಿಸದೆ, ಹೀಟ್ ಎಕ್ಸ್‌ಚೇಂಜರ್ ಮೂಲಕ ತಣಿಸುತ್ತದೆ. ಎರಡನೇ ಹಂತದಲ್ಲಿ ಗಾಳಿ ಪ್ಯಾಡಿನ ಮೂಲಕ ಹಾಯುತ್ತದೆ. ಮೇಲೆ ಹೇಳಿದ 42 ಡಿಗ್ರಿಯ ದಿನ ಸಾಮಾನ್ಯ ಕೂಲರ್ 27 ಕೊಟ್ಟರೆ ಇದು 22–23 ಕೊಡಬಲ್ಲದು, ಕೋಣೆಯಲ್ಲಿ ತೇವವೂ ಕಡಿಮೆ. ಬದಲಿಗೆ ನೀರು ಮೂರನೇ ಒಂದು ಭಾಗದಿಂದ ಅರ್ಧದಷ್ಟು ಹೆಚ್ಚು ಬೇಕು, ಯಂತ್ರ ದೊಡ್ಡದು, ತೂಕವೂ ಹೆಚ್ಚು.

ವಿದ್ಯುತ್ತಿನ ವ್ಯತ್ಯಾಸ ಸಣ್ಣದಲ್ಲ. 6,000 ಸಿಎಫ್‌ಎಂನ ಸಾಮಾನ್ಯ ಡಕ್ಟ್ ಕೂಲರಿನ ಮೋಟಾರು ಒಂದರಿಂದ ಒಂದೂವರೆ ಕಿಲೋವ್ಯಾಟ್, 10 ಗಂಟೆಗೆ 10–15 ಯೂನಿಟ್. ಒಂದೂವರೆ ಟನ್ನಿನ ಮೂರು ಎಸಿ ಅಷ್ಟೇ ಹೊತ್ತು ಓಡಿದರೆ 30 ಯೂನಿಟ್ ಆಸುಪಾಸು. ಮೂರು ಎಸಿಗೆ ಹೋಗುವುದಾದರೆ ಜೆಸ್ಕಾಂ ಅಥವಾ ಹೆಸ್ಕಾಂನಲ್ಲಿ ಮಂಜೂರಾದ ಲೋಡು ಹೆಚ್ಚಿಸಿಕೊಳ್ಳುವ ಅರ್ಜಿಯನ್ನು ಯಂತ್ರ ಬರುವ ಮೊದಲೇ ಹಾಕಿ.

ಫ್ಲ್ಯಾಟಿನಲ್ಲಿ ಡಕ್ಟ್ ಕೂಲರಿಗೆ ಜಾಗ ಸಿಗುವುದು ಕಷ್ಟ, ಅಲ್ಲಿ ಎಸಿಯೇ. ಒಂದೇ ಹೊರಘಟಕಕ್ಕೆ ನಾಲ್ಕೈದು ಒಳಘಟಕ ಜೋಡಿಸುವ ವಿಆರ್‌ಎಫ್ ನೋಡಲು ಅಚ್ಚುಕಟ್ಟು. ಆದರೆ ಹೊರಗಿನದು ಮೇ ತಿಂಗಳಲ್ಲಿ ಕೈಕೊಟ್ಟರೆ ಇಡೀ ಮನೆ ಬಿಸಿ. ಅದರ ತಂತ್ರಜ್ಞ ನಿಮ್ಮೂರಲ್ಲೇ ಇದ್ದರೆ ಮಾತ್ರ ತೆಗೆದುಕೊಳ್ಳಿ. ಇಲ್ಲದಿದ್ದರೆ ಬಿಡಿ ಬಿಡಿ ಸ್ಪ್ಲಿಟ್‌ಗಳೇ ಕ್ಷೇಮ.

ಡಕ್ಟ್ ಕೂಲರ್: ಅಳತೆ ಮತ್ತು ಅಳವಡಿಕೆ

ಮನೆಯ ಅಗಲ, ಉದ್ದ, ಎತ್ತರ ಅಡಿಯಲ್ಲಿ ಗುಣಿಸಿ ಎರಡರಿಂದ ಭಾಗಿಸಿ, ಅದೇ ಸಿಎಫ್‌ಎಂ. ಗಂಟೆಗೆ 30 ಸಲ ಮನೆಯ ಗಾಳಿ ಬದಲಾಗುವ ಲೆಕ್ಕ ಇದು. 1,200 ಚದರಡಿ, 10 ಅಡಿ ಎತ್ತರದ ಮನೆಗೆ 6,000. ಮೇಲೆ ಇನ್ನೊಂದು ಮಹಡಿ ಇದ್ದು ತಾರಸಿ ಕಾವಿಲ್ಲದಿದ್ದರೆ 4,000 ಸಾಕು.

ಕ್ಯಾಟಲಾಗಿನ ಸಿಎಫ್‌ಎಂ ಬಹುತೇಕ ಡಕ್ಟ್ ಇಲ್ಲದೆ ಅಳೆದದ್ದು. ‘80 ಪಾಸ್ಕಲ್ ಒತ್ತಡಕ್ಕೆ ಎಷ್ಟು ಗಾಳಿ ಕೊಡುತ್ತದೆ?’ ಎಂದು ಬರಹದಲ್ಲಿ ಕೇಳಿ. ಅಲ್ಲಿಗೆ ಅರ್ಧ ಮಾರಾಟಗಾರರು ಜರಡಿಯಲ್ಲಿ ಉಳಿಯುವುದಿಲ್ಲ. ಪ್ಯಾಡು 150 ಮಿಲಿಮೀಟರ್ ದಪ್ಪ ಇರಲಿ, 100 ಮಿಲಿಮೀಟರಿನದು ಅದೇ ಗಾಳಿಯನ್ನು ಎರಡು ಡಿಗ್ರಿ ಬಿಸಿಯಾಗಿಯೇ ಬಿಡಬಹುದು.

ಡಕ್ಟ್ ವಿಷಯದಲ್ಲಿ ಕಂಜೂಸುತನ ಬೇಡ. 6,000 ಸಿಎಫ್‌ಎಂ ಗಾಳಿ ಸೆಕೆಂಡಿಗೆ 6 ಮೀಟರ್ ವೇಗದಲ್ಲಿ ಹೋಗಲು ಮುಖ್ಯ ಡಕ್ಟ್ 27 ಇಂಚು ಅಗಲ, 27 ಇಂಚು ಎತ್ತರ ಬೇಕು. ಗುತ್ತಿಗೆದಾರರು ಫಾಲ್ಸ್ ಸೀಲಿಂಗಿಗೆ ಹೊಂದಿಸಲೆಂದು 18 ಇಂಚಿಗೆ ಇಳಿಸುತ್ತಾರೆ. ಆಗ ವೇಗ ಎರಡು ಪಟ್ಟು ದಾಟಿ ರಾತ್ರಿಯಿಡೀ ಮೊರೆತ, ಕೊನೇ ಕೋಣೆಗೆ ಗಾಳಿಯೇ ಇಲ್ಲ. ಅಷ್ಟು ದೊಡ್ಡ ಡಕ್ಟ್ ಹಿಡಿಸದ ಮನೆಗೆ 3,000 ಸಿಎಫ್‌ಎಂನ ಎರಡು ಯಂತ್ರ ಇಟ್ಟು, 19 ಇಂಚಿನ ಗಿಡ್ಡ ಡಕ್ಟ್ ಎಳೆಯುವುದು ಲೇಸು. ಒಂದು ಕೆಟ್ಟರೆ ಇನ್ನೊಂದು ನಡೆಯುತ್ತದೆ ಎಂಬ ಧೈರ್ಯವೂ ಇರುತ್ತದೆ. ಬಿಸಿಲಿಗೆ ಬೀಳುವ ಡಕ್ಟಿಗೆ 19ರಿಂದ 25 ಮಿಲಿಮೀಟರ್ ಇನ್ಸುಲೇಷನ್ ಕಡ್ಡಾಯ. ಯಂತ್ರಕ್ಕೂ ಡಕ್ಟಿಗೂ ನಡುವೆ ಕ್ಯಾನ್ವಾಸ್ ಪಟ್ಟಿ ಬೇಕು, ಇಲ್ಲದಿದ್ದರೆ ಮೋಟಾರಿನ ನಡುಕ ಮನೆಯೆಲ್ಲ ಕೇಳುತ್ತದೆ.

ನೀರು ತುಂಬಿದ ಯಂತ್ರವನ್ನು ಸ್ಲ್ಯಾಬಿನ ನಡುಮಧ್ಯ ಇಡಬೇಡಿ, ಬೀಮ್ ಅಥವಾ ಗೋಡೆಯ ಸಾಲಿನ ಮೇಲಿಡಿ. ಸೆಪ್ಟಿಕ್ ಟ್ಯಾಂಕಿನ ಗಾಳಿ ಕೊಳವೆ, ಅಡುಗೆಮನೆ ಚಿಮಣಿ ಎರಡರಿಂದಲೂ ಕನಿಷ್ಠ 3 ಮೀಟರ್ ದೂರವಿರಲಿ.

ಒಳಬಂದ ಗಾಳಿಗೆ ಹೊರಹೋಗಲು ದಾರಿ ಬೇಕೇ ಬೇಕು. ಪ್ರತಿ 1,000 ಸಿಎಫ್‌ಎಂಗೆ ಒಂದರಿಂದ ಎರಡು ಚದರಡಿ ಕಿಟಕಿ ತೆರೆದಿರಲಿ, ಸೊಳ್ಳೆ ಜಾಲರಿ ಇದ್ದರೆ ಇನ್ನೂ ಹೆಚ್ಚು. ಡಕ್ಟಿನ ಗಾಳಿ ಬೀಳುವ ಗ್ರಿಲ್ಲಿನ ಎದುರು ದಿಕ್ಕಿನ ಕಿಟಕಿಯನ್ನೇ ತೆರೆಯಿರಿ. ತೆಳು ಕಾಗದದ ಚೂರನ್ನು ಅಲ್ಲಿ ಹಿಡಿದರೆ ಹೊರಕ್ಕೆ ಮೆಲ್ಲಗೆ ವಾಲಬೇಕು. ಬಾಗಿಲುಗಳು ಧಡಾರನೆ ಬಡಿದುಕೊಳ್ಳುತ್ತಿದ್ದರೆ ತೆರೆದದ್ದು ಸಾಲದು. ಎಸಿಯಂತೆ ಕಿಟಕಿ ಮುಚ್ಚಿ ಕೂಲರ್ ಹಾಕಿದರೆ ಅರ್ಧ ಗಂಟೆಯಲ್ಲಿ ಗೋಡೆ, ಹಾಸಿಗೆ ಎಲ್ಲ ತೇವವಾಗುತ್ತವೆ.

ಎಸಿ: ಸ್ಟಾರಿನಾಚೆ ನೋಡಬೇಕಾದದ್ದು

ಎಸಿಯ ಮೇಲೆ ಬರೆದ ಸಾಮರ್ಥ್ಯ ಹೊರಗೆ 35 ಡಿಗ್ರಿ ಇದ್ದಾಗಿನದು. ನಮ್ಮಲ್ಲಿ ಬಿಸಿಲಿಗೆ ಕಾದ ಹೊರಘಟಕದ ಸುತ್ತ 46 ಸುಲಭವಾಗಿ ಮುಟ್ಟುತ್ತದೆ, ಆಗ ಸಾಮರ್ಥ್ಯ ತಗ್ಗುತ್ತದೆ. 5,200 ವ್ಯಾಟ್ ಎಂದಿರುವ ಯಂತ್ರ 46ರಲ್ಲಿ ಎಷ್ಟು ವ್ಯಾಟ್ ಕೊಡುತ್ತದೆ ಎಂಬ ಅಂಕಿ ಕೇಳಿ ಪಡೆಯಿರಿ. ಎರಡು 5 ಸ್ಟಾರ್ ಯಂತ್ರಗಳ ನಡುವೆ ತೀರ್ಮಾನ ಮಾಡಬೇಕಾದದ್ದು ಈ ಅಂಕಿಯ ಮೇಲೆ. ತಾರಸಿಯ ಕೆಳಗಿನ ಕೋಣೆಗೆ 120–150 ಚದರಡಿಗೆ ಒಂದೂವರೆ ಟನ್ ಹಿಡಿಯಿರಿ. ತಾರಸಿ ಕೆಲಸ ಮಾಡಿಸಿದ್ದರೆ 180ರವರೆಗೆ ನಡೆಯುತ್ತದೆ.

ಹೊರಘಟಕವನ್ನು ಇಕ್ಕಟ್ಟಿನ ಸಂದಿಯಲ್ಲೋ ಪಡುವಣ ಗೋಡೆಯಲ್ಲೋ ಕೂರಿಸಬೇಡಿ. ತಾನು ಬಿಟ್ಟ ಬಿಸಿಗಾಳಿಯನ್ನು ತಾನೇ ಎಳೆದುಕೊಂಡರೆ ಮೂರು ಗಂಟೆಯ ಹೊತ್ತಿಗೆ ಬಂದ್ ಆಗುತ್ತದೆ. ಬಳ್ಳಾರಿ, ಸಂಡೂರು ಕಡೆ ಅದಿರಿನ ಕೆಂಧೂಳು, ಶಕ್ತಿನಗರದ ಸುತ್ತ ಹಾರುಬೂದಿ ಕಾಯಿಲನ್ನು ಮುಚ್ಚುತ್ತವೆ. ಬೇಸಿಗೆಯಲ್ಲಿ ತಿಂಗಳಿಗೊಮ್ಮೆ ಸ್ವಿಚ್ ಆರಿಸಿ ಮೆಲುಧಾರೆಯಲ್ಲಿ ತೊಳೆಯಿರಿ. ವೈರಿಂಗಿಗೆ 4 ಚದರ ಮಿಲಿಮೀಟರ್ ತಾಮ್ರದ ತಂತಿ, ಪ್ರತ್ಯೇಕ 20 ಆಂಪಿಯರ್ ಎಂಸಿಬಿ, ಸರಿಯಾದ ಅರ್ಥಿಂಗ್ ಇರಲಿ.

ಅಳವಡಿಸುವ ದಿನ ಎದುರಲ್ಲೇ ನಿಲ್ಲಿ. ತಾಮ್ರದ ಪೈಪು ಜೋಡಿಸಿದ ಮೇಲೆ ವ್ಯಾಕ್ಯೂಮ್ ಪಂಪಿನಿಂದ 500 ಮೈಕ್ರಾನ್‌ವರೆಗೆ (ಇದು ಪೈಪಿನಲ್ಲುಳಿದ ಒತ್ತಡದ ಅಳತೆ) ಗಾಳಿ ಎಳೆಯಬೇಕು. ಪಂಪು ನಿಲ್ಲಿಸಿದ ಮೇಲೂ ಗೇಜಿನ ಮುಳ್ಳು ಅಲ್ಲೇ ನಿಲ್ಲಬೇಕು. ಪಂಪು ತರದೆ, ಒಳಗಿನ ಗ್ಯಾಸನ್ನೇ ಒಂದು ಕ್ಷಣ ‘ಪುಸ್’ ಎಂದು ಬಿಟ್ಟು ಗಾಳಿ ಹೋಯಿತು ಎನ್ನುವವರಿಗೆ ಅವಕಾಶ ಕೊಡಬೇಡಿ. ಪೈಪಿನಲ್ಲುಳಿದ ತೇವ ಕಂಪ್ರೆಸರನ್ನು ಒಳಗೊಳಗೇ ತಿನ್ನುತ್ತದೆ, ಅದರ ಫಲ ಕಾಣುವುದು ವಾರಂಟಿ ಗಲಾಟೆ ಶುರುವಾದಾಗ. ಕಂಪ್ರೆಸರಿಗೆ 10 ವರ್ಷ ಎಂದಿದ್ದರೂ ಪಿಸಿಬಿ, ಕಂಡೆನ್ಸರ್, ಗ್ಯಾಸ್ ತುಂಬುವ ಖರ್ಚು ಎಷ್ಟು ವರ್ಷದವರೆಗೆ ಅವರದು ಎಂಬುದನ್ನು ಬಿಲ್ಲಿನಲ್ಲೇ ಬರೆಸಿ.

ಹಣ ಪೂರ್ತಿ ಕೊಡುವ ಮೊದಲು

ಎಸಿಯನ್ನು ಪೂರ್ಣ ವೇಗದಲ್ಲಿ 15 ನಿಮಿಷ ಓಡಿಸಿ, ಒಳಹೋಗುವ ಮತ್ತು ಹೊರಬರುವ ಗಾಳಿಯ ನಡುವೆ 10ರಿಂದ 14 ಡಿಗ್ರಿ ವ್ಯತ್ಯಾಸ ಇದೆಯೇ ನೋಡಿ. ಸಾಮಾನ್ಯ ಕೂಲರಾದರೆ ಮತ್ತೆ ಆ ಎರಡು ಥರ್ಮಾಮೀಟರ್ ತೆಗೆಯಿರಿ. ಹೊರಗೆ 40, ಒದ್ದೆಯದು 24, ಗ್ರಿಲ್ಲಿನಲ್ಲಿ 27 ಬಂದರೆ 16ರಲ್ಲಿ 13 ಇಳಿದಿದೆ, ಶೇ 81. ಸರಿಯಾಗಿದೆ. 30 ಬಂದರೆ ಪ್ಯಾಡಿನ ಮುಖ ನೋಡಿ. ಎಲ್ಲೆಡೆ ಒಂದೇ ಸಮ ಕಪ್ಪಾಗಿ ನೆನೆದಿರಬೇಕು. ಮೇಲಿನಿಂದ ಕೆಳಗೆ ತಿಳಿಬಣ್ಣದ ಒಣ ಪಟ್ಟೆಯೊಂದು ಕಂಡರೆ ಅಲ್ಲಿ ನೀರಿನ ಕೊಳವೆಯ ತೂತು ಮುಚ್ಚಿದೆ ಎಂದರ್ಥ. ಆ ನಾಲ್ಕಿಂಚಿನ ಪಟ್ಟೆಯಲ್ಲಿ ಬಿಸಿಗಾಳಿ ಹಾಗೇ ಒಳನುಗ್ಗುತ್ತಿರುತ್ತದೆ. ಹೊರಬಿಡುವ ನೀರಿನ ಕೊಳವೆಗೆ ಲೀಟರ್ ಪಾತ್ರೆ ಹಿಡಿದರೆ ನಿಮಿಷಕ್ಕೆ ಅರ್ಧ ಲೀಟರಿಗಿಂತ ತುಸು ಹೆಚ್ಚು ಬೀಳಬೇಕು.

ವಾರಕ್ಕೊಮ್ಮೆ ತೊಟ್ಟಿ ಬರಿದು ಮಾಡಿ ಉಜ್ಜಿ ತೊಳೆಯಿರಿ, ಡೆಂಗಿ ಸೊಳ್ಳೆ ಮೊಟ್ಟೆಯಿಡುವುದು ಇಂಥ ನಿಂತ ನೀರಿನಲ್ಲೇ. ಪ್ಯಾಡು ಎರಡು ಮೂರು ಬೇಸಿಗೆ ಬರುತ್ತದೆ. ಮೃಗಶಿರ ಮಳೆ ಹಿಡಿದ ಮೇಲೆ ಪಂಪು ನಿಲ್ಲಿಸಿ ಫ್ಯಾನು ಮಾತ್ರ ಒಂದು ಹಗಲು ಓಡಿಸಿ, ಪ್ಯಾಡು ಪೂರ್ತಿ ಒಣಗಲಿ. ನಂತರ ತೊಟ್ಟಿ ಖಾಲಿ ಮಾಡಿ, ಡಕ್ಟಿನ ಡ್ಯಾಂಪರ್ (ಗಾಳಿ ತಡೆಯುವ ಒಳಬಾಗಿಲು) ಮುಚ್ಚಿ, ಯಂತ್ರಕ್ಕೆ ತಾಡಪಾಲು ಕಟ್ಟಿ. ಡ್ಯಾಂಪರ್ ತೆರೆದಿಟ್ಟು ಕೋಣೆಯಲ್ಲಿ ಎಸಿ ಹಾಕಿದರೆ ತಣ್ಣನೆ ಗಾಳಿ ಡಕ್ಟ್ ಹಿಡಿದು ತಾರಸಿಗೆ ಹೋಗುತ್ತದೆ.