ಮನೆ ಬೆಲೆ ಐದು ಲಕ್ಷ ಡಾಲರ್ ಅಂತ ನಂಬಬೇಡಿ

ರಜೆಗೆ ತುಮಕೂರಿಗೆ ಬಂದು ಎರಡು ವಾರವಾಯಿತು. ಕ್ಯಾತ್ಸಂದ್ರದಲ್ಲಿ ತಟ್ಟೆ ಇಡ್ಲಿ ತಿನ್ನುವಾಗ, ಸೋದರತ್ತೆ ಮನೆಯ ನಾಮಕರಣದಲ್ಲಿ, ಅಮಾನಿಕೆರೆ ಹತ್ತಿರ ವಾಕಿಂಗ್ ಹೋದಾಗಲೂ ಎದುರಾದದ್ದು ಒಂದೇ ಮಾತು. "ನಮ್ಮ ಹುಡುಗ ಡಲ್ಲಾಸ್‌ಗೆ ಹೋಗಿ ಒಂದು ವರ್ಷ ಆಯ್ತಪ್ಪ. ಬಾಡಿಗೆ ಸುಮ್ನೆ ದಂಡ ಅಲ್ವಾ? ಒಂದು ಮನೆ ತಗೊಳ್ಳೋಕೆ ಹೇಳು."

ಎಲ್ಲರಿಗೂ ನಿಂತಲ್ಲೇ ಉತ್ತರ ಕೊಟ್ಟು ಸಾಕಾಯಿತು. ಅದಕ್ಕೇ ಆ ಹುಡುಗ ಹುಡುಗಿಯರಿಗೇ ನೇರವಾಗಿ ಬರೆಯುತ್ತಿದ್ದೇನೆ. ನಾನು ಹದಿನೇಳು ವರ್ಷದಿಂದ ಅಮೆರಿಕದಲ್ಲಿದ್ದೇನೆ, ಈಗ ಟೆಕ್ಸಾಸ್ ರಾಜ್ಯದ ಡಲ್ಲಾಸ್ ಪಕ್ಕದಲ್ಲಿ. ಎರಡು ಮನೆ ಕೊಂಡಿದ್ದೇನೆ, ಮೊದಲನೆಯದರಲ್ಲಿ ಕೈ ಸುಟ್ಟುಕೊಂಡಿದ್ದೇನೆ. ಕೊಳ್ಳಬೇಡಿ ಅಂತ ಹೇಳುವುದಿಲ್ಲ. ನಾನೂ ಈಗ ಸ್ವಂತ ಮನೆಯಲ್ಲೇ ಇರುವವನು. ಆದರೆ ರಿಯಲ್ಟರ್ (ಮನೆ ದಲ್ಲಾಳಿ) ಹೇಳುವ ಬೆಲೆ ಬೇರೆ, ನಿಮ್ಮ ಜೇಬಿನಿಂದ ಹೋಗುವ ದುಡ್ಡು ಬೇರೆ. ಆ ಮನೆಯಲ್ಲಿ ನೀವು ಎಷ್ಟು ವರ್ಷ ಇರುತ್ತೀರಿ ಅನ್ನುವುದರ ಮೇಲೆ ನಿಜವಾದ ಲೆಕ್ಕ ನಿಂತಿದೆ.

ಒಂದು ಮನೆ ಇಟ್ಟುಕೊಂಡು ನೋಡೋಣ. ಬೆಲೆ 5 ಲಕ್ಷ ಡಾಲರ್. ನೀವು 1 ಲಕ್ಷ ಡೌನ್ ಪೇಮೆಂಟ್ ಕೊಟ್ಟಿರಿ. ಉಳಿದ 4 ಲಕ್ಷಕ್ಕೆ ಸಾಲ, 30 ವರ್ಷ, ಬಡ್ಡಿ ಶೇ. 6.5. ತಿಂಗಳ ಕಂತು ಸುಮಾರು 2,528 ಡಾಲರ್. ಎರಡು ಸಂಬಳ ಬರುವ ಮನೆಗೆ ಇದು ಕಟ್ಟಬಹುದಾದ ಮೊತ್ತ ಅಂತಲೇ ಕಾಣುತ್ತದೆ. ಈಗ ಅದನ್ನು 360ರಿಂದ ಗುಣಿಸಿ. 9 ಲಕ್ಷದ 10 ಸಾವಿರ ಡಾಲರ್ ಆಯಿತು. ಸಾಲ ತಂದದ್ದು ನಾಲ್ಕು ಲಕ್ಷ, ಬಡ್ಡಿಯೇ ಐದು ಲಕ್ಷ ದಾಟಿತು.

ಇದನ್ನು ಕೇಳಿ ನಮ್ಮ ಸೋದರತ್ತೆ ಗಲ್ಲದ ಮೇಲೆ ಕೈಯಿಟ್ಟುಕೊಂಡರು. ಆದರೆ ಒಟ್ಟು ಬಡ್ಡಿಗಿಂತ ನನಗೆ ಮುಖ್ಯ ಅನಿಸುವುದು ಆ ಬಡ್ಡಿ ಯಾವಾಗ ಹೋಗುತ್ತದೆ ಅನ್ನುವುದು. ಮೊದಲ ತಿಂಗಳ 2,528 ಡಾಲರ್‌ನಲ್ಲಿ 2,167 ಬಡ್ಡಿಗೆ ಹೋಯಿತು. ಅಸಲಿಗೆ ಸೇರಿದ್ದು 361. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ದಾಟುವುದು 19 ವರ್ಷ ಕಳೆದ ಮೇಲೆ. ಐದು ವರ್ಷ ಒಂದು ತಿಂಗಳೂ ತಪ್ಪದೆ ಕಟ್ಟಿದರೆ ಹೋದ ಹಣ ಸುಮಾರು 1,51,700. ಅದರಲ್ಲಿ ಅಸಲು ತೀರಿದ್ದು 25,500ರ ಹತ್ತಿರ.

ನಮ್ಮಜ್ಜಿ ಸೊಸೈಟಿಯಲ್ಲಿ ಸರ ಅಡವಿಟ್ಟಿದ್ದರು. ಪ್ರತಿ ವರ್ಷ ಬಡ್ಡಿ ಕಟ್ಟುವುದು, ಸರವನ್ನು ಮತ್ತೆ ಅಲ್ಲೇ ಇಡುವುದು. "ಬಡ್ಡಿ ಕಟ್ಟಿ ಕಟ್ಟಿ ಸವೆದೆ, ಅಸಲು ಅಲ್ಲೇ ಕೂತಿದೆ" ಅನ್ನುತ್ತಿದ್ದರು. ಮಾರ್ಟ್‌ಗೇಜಿನ (ಮನೆ ಸಾಲದ) ಮೊದಲ ವರ್ಷಗಳು ಹೆಚ್ಚುಕಡಿಮೆ ಹಾಗೇ. ಬ್ಯಾಂಕಿನವರು ಮೋಸ ಮಾಡುತ್ತಿಲ್ಲ. ಬಾಕಿ ದೊಡ್ಡದಿರುವಾಗ ಬಡ್ಡಿಯೂ ದೊಡ್ಡದಿರುತ್ತದೆ, ಅಷ್ಟೇ ಗಣಿತ. ಆದರೆ "ಬಾಡಿಗೆ ದಂಡ, ಕಂತು ಉಳಿತಾಯ" ಅನ್ನುವ ಮಾತು ಮೊದಲ ಐದಾರು ವರ್ಷಕ್ಕೆ ನಿಲ್ಲುವುದಿಲ್ಲ. ಬಾಡಿಗೆ ವಾಪಸ್ ಬರುವುದಿಲ್ಲ, ಸರಿ. ಬಡ್ಡಿ ವಾಪಸ್ ಬರುತ್ತದಾ?

ಈಗ ವೀಸಾ ವಿಷಯಕ್ಕೆ ಬರೋಣ. ಊರಿನ ದೊಡ್ಡವರಿಗೆ ಇದು ಅರ್ಥವಾಗುವುದಿಲ್ಲ, ನಿಮಗೆ ಆಗಬೇಕು. ಎಚ್-1ಬಿ ಅನ್ನುವ ಕೆಲಸದ ವೀಸಾ ಮೊದಲು ಸಿಗುವುದು ಮೂರು ವರ್ಷಕ್ಕೆ, ಆಮೇಲೆ ಇನ್ನು ಮೂರು. ಗ್ರೀನ್ ಕಾರ್ಡ್ (ಕಾಯಂ ನೆಲೆಸುವ ಅನುಮತಿ) ಪ್ರಕ್ರಿಯೆ ನಡೆಯುತ್ತಿದ್ದರೆ ಮುಂದುವರಿಯುತ್ತದೆ. ಕೆಲಸ ಹೋದರೆ ಹೊಸದನ್ನು ಹುಡುಕಲು ಇರುವುದು ಹೆಚ್ಚೆಂದರೆ 60 ದಿನ. ಮೂರು ವರ್ಷದ ಕಾಗದ ಕೈಯಲ್ಲಿ ಹಿಡಿದು ಮೂವತ್ತು ವರ್ಷದ ಪತ್ರಕ್ಕೆ ಸಹಿ ಹಾಕುತ್ತಿದ್ದೀರಿ.

ಅದೇ ಮನೆಯನ್ನು ಮೂರು ವರ್ಷಕ್ಕೆ ಮಾರಬೇಕಾಯಿತು ಅಂದುಕೊಳ್ಳಿ, ಬೆಲೆ ಏರಿಲ್ಲ, ಇಳಿದೂ ಇಲ್ಲ. ಅಷ್ಟರಲ್ಲಿ ತೀರಿದ ಅಸಲು ಸುಮಾರು 14,300 ಡಾಲರ್. ರಿಯಲ್ಟರ್ ಕಮಿಷನ್ ಮತ್ತು ಮಾರಾಟದ ಇತರ ಖರ್ಚು ಶೇ. 6 ಅಂತ ಹಿಡಿದರೆ 30,000. ಕೊಳ್ಳುವಾಗ ಸಾಲ ಮತ್ತು ಕಾಗದಪತ್ರದ ಶುಲ್ಕಗಳಿಗೆ ಕ್ಲೋಸಿಂಗ್ ಕಾಸ್ಟ್ ಅಂತ ಕೊಟ್ಟ ಹಣ ಮೊದಲೇ ಹೋಗಿರುತ್ತದೆ. ಸಾಮಾನ್ಯವಾಗಿ ಅದೂ ಸಾಲದ ಶೇ. 2ರಿಂದ 5ರಷ್ಟು ಇರುತ್ತದೆ. ನನಗೆ ಆದದ್ದು ಇದೇ. ಕೆಲಸ ಬೇರೆ ರಾಜ್ಯಕ್ಕೆ ಹೋಯಿತು, ಮೊದಲ ಮನೆಯನ್ನು ನಾಲ್ಕನೇ ವರ್ಷಕ್ಕೆ ಕೊಂಡ ಬೆಲೆಗೇ ಮಾರಿದೆ. ಊರಲ್ಲಿ ಎಲ್ಲರೂ "ಹಾಕಿದ ದುಡ್ಡು ಬಂತಲ್ಲ, ನಷ್ಟವಿಲ್ಲ" ಅಂದರು. ನಾನು ಸುಮ್ಮನೆ ತಲೆಯಾಡಿಸಿದೆ.

ಐದು ವರ್ಷಕ್ಕಿಂತ ಕಡಿಮೆ ಇರುವ ಅನುಮಾನವಿದ್ದರೆ ಬಾಡಿಗೆಯಲ್ಲೇ ಇರಿ. ಇದು ನನ್ನ ಅಭಿಪ್ರಾಯ, ಒಪ್ಪದವರು ಬೇಕಾದಷ್ಟು ಜನ ಇದ್ದಾರೆ. 2021ರ ಜನವರಿಯಲ್ಲಿ 30 ವರ್ಷದ ಸಾಲದ ಸರಾಸರಿ ಬಡ್ಡಿ ಶೇ. 2.65ಕ್ಕೆ ಇಳಿದಿತ್ತು. ಆಗ ಕೊಂಡವರ ಬಾಯಲ್ಲಿ ಬರೀ ಗೆಲುವಿನ ಕಥೆ ಇರುತ್ತದೆ. 2023ರ ಅಕ್ಟೋಬರ್‌ನಲ್ಲಿ ಅದು ಶೇ. 7.79 ಆಗಿತ್ತು. ಅವರ ಕಥೆ ಅವರ ಬಡ್ಡಿಗೆ ಸರಿ, ನಿಮ್ಮದಕ್ಕಲ್ಲ.

ಕಂತು ಬದಲಾಗುವುದಿಲ್ಲ ಅನ್ನುವುದು ಇನ್ನೊಂದು ನಂಬಿಕೆ. ಇದು ಅರ್ಧ ನಿಜ. ತುಮಕೂರಿನಲ್ಲಿ ಹೌಸಿಂಗ್ ಲೋನ್ ತಗೊಂಡ ನಮ್ಮಣ್ಣನ ಬಡ್ಡಿ ರೆಪೋ ದರದ ಜೊತೆ ಏರಿಳಿಯುತ್ತದೆ. ಅಮೆರಿಕದ ಫಿಕ್ಸೆಡ್ ಸಾಲದಲ್ಲಿ ಆ ತಲೆನೋವಿಲ್ಲ, ಬಡ್ಡಿ ಮೂವತ್ತು ವರ್ಷ ಅಲ್ಲಾಡುವುದಿಲ್ಲ. ಅದು ನಿಜಕ್ಕೂ ದೊಡ್ಡ ಅನುಕೂಲ. ಆದರೆ ನೀವು ತಿಂಗಳಿಗೆ ಕಟ್ಟುವ ಮೊತ್ತದಲ್ಲಿ ಆಸ್ತಿ ತೆರಿಗೆ ಮತ್ತು ವಿಮೆಯೂ ಸೇರಿರುತ್ತವೆ. ಆ ಹಣವನ್ನು ಬ್ಯಾಂಕು ಎಸ್ಕ್ರೋ ಅನ್ನುವ ಖಾತೆಯಲ್ಲಿ ಕೂಡಿಟ್ಟು ನಿಮ್ಮ ಪರವಾಗಿ ಕಟ್ಟುತ್ತದೆ. ಈ ಭಾಗ ಪ್ರತಿ ವರ್ಷ ಬದಲಾಗುತ್ತದೆ.

ನಮ್ಮಲ್ಲಿ ವರ್ಷಕ್ಕೊಮ್ಮೆ ಮಹಾನಗರ ಪಾಲಿಕೆಗೆ ಕಂದಾಯ ಕಟ್ಟಿ ಮರೆತುಬಿಡುತ್ತೇವೆ. ಆ ಅಂದಾಜಿನಲ್ಲಿ ಟೆಕ್ಸಾಸ್‌ಗೆ ಹೋಗಬೇಡಿ. ಅಲ್ಲಿ ರಾಜ್ಯದ ಆದಾಯ ತೆರಿಗೆ ಇಲ್ಲ, ಅದನ್ನು ಮನೆಯ ಮೇಲೆ ವಸೂಲಿ ಮಾಡುತ್ತಾರೆ. ಬೆಲೆಯ ಶೇ. 2ರಷ್ಟು ತೆರಿಗೆ ಬಂದರೆ ಆಶ್ಚರ್ಯವಿಲ್ಲ. ನಮ್ಮ ಉದಾಹರಣೆಯ ಮನೆಗೆ ವರ್ಷಕ್ಕೆ 10,000 ಡಾಲರ್, ಮೂವತ್ತು ವರ್ಷ ಒಂದು ಪೈಸೆ ಏರದಿದ್ದರೂ 3 ಲಕ್ಷ. ಸಾಲ ತೀರಿದ ಮೇಲೂ ಇದು ನಿಲ್ಲುವುದಿಲ್ಲ.

ಹೊಸದಾಗಿ ಕಟ್ಟಿದ ಮನೆ ಕೊಳ್ಳುವವರು ಇಲ್ಲಿ ಇನ್ನೂ ಎಚ್ಚರವಾಗಿರಬೇಕು. ಟೆಕ್ಸಾಸ್‌ನಲ್ಲಿ ಜನವರಿ 1ರಂದು ಏನಿತ್ತೋ ಅದರ ಮೇಲೆ ತೆರಿಗೆ ಹಾಕುತ್ತಾರೆ. ಆ ದಿನ ಬರೀ ಸೈಟು ಇದ್ದರೆ ಆ ವರ್ಷದ ತೆರಿಗೆ ಸೈಟಿಗೆ ಮಾತ್ರ. ಕಂತು ಹಗುರವಾಗಿ ಕಾಣುತ್ತದೆ. ಮುಂದಿನ ವರ್ಷ ಪೂರ್ತಿ ಮನೆಗೆ ತೆರಿಗೆ ಬಂದಾಗ ಎಸ್ಕ್ರೋದಲ್ಲಿ ಹಣ ಸಾಲುವುದಿಲ್ಲ. ಆಗ ಹಳೆಯ ಕೊರತೆ ಮತ್ತು ಹೊಸ ತೆರಿಗೆ ಎರಡನ್ನೂ ಸೇರಿಸಿ ಕಂತು ಏರಿಸುತ್ತಾರೆ. ನಮಗೆ ಒಂದೇ ಸಲಕ್ಕೆ ತಿಂಗಳಿಗೆ ಸಾವಿರ ಡಾಲರ್‌ಗಿಂತ ಜಾಸ್ತಿ ಏರಿತ್ತು. ಪತ್ರ ಬಂದ ದಿನ ನನ್ನ ಹೆಂಡತಿ ಅದು ಯಾರೋ ಮೋಸಗಾರರು ಕಳಿಸಿದ್ದು ಅಂತ ಕಸದ ಬುಟ್ಟಿಗೆ ಹಾಕಿದ್ದಳು! ವಾಸದ ಮನೆ ಅಂತ ಹೋಮ್‌ಸ್ಟೆಡ್ ವಿನಾಯಿತಿಗೆ ಅರ್ಜಿ ಹಾಕುವುದನ್ನು ಮರೆಯಬೇಡಿ. ಅದು ತಾನಾಗಿ ಬರುವುದಿಲ್ಲ. ಡ್ರೈವಿಂಗ್ ಲೈಸೆನ್ಸಿನಲ್ಲಿ ಅದೇ ಮನೆಯ ವಿಳಾಸ ಇರಬೇಕು. ವಿನಾಯಿತಿ ಸಿಕ್ಕ ಮೇಲೆ ತೆರಿಗೆ ಹಾಕುವ ಮೌಲ್ಯ ವರ್ಷಕ್ಕೆ ಶೇ. 10ಕ್ಕಿಂತ ಹೆಚ್ಚು ಏರುವಂತಿಲ್ಲ.

ವಿಮೆಯ ಬಗ್ಗೆ ಒಂದೇ ಮಾತು. ಡಲ್ಲಾಸ್ ಕಡೆ ಆಲಿಕಲ್ಲು ಮಳೆ ಅಂದರೆ ಮಕ್ಕಳು ಆರಿಸಿಕೊಂಡು ಬಾಯಿಗೆ ಹಾಕಿಕೊಳ್ಳುವಂಥದ್ದಲ್ಲ, ಛಾವಣಿಯನ್ನೇ ತೂತು ಮಾಡುವಂಥದ್ದು. ಪಾಲಿಸಿಯಲ್ಲಿ ಗಾಳಿ ಮತ್ತು ಆಲಿಕಲ್ಲಿಗೆ ಬೇರೆಯೇ ಡಿಡಕ್ಟಿಬಲ್ ಇರುತ್ತದೆ. 4 ಲಕ್ಷದ ವಿಮೆಗೆ ಶೇ. 2 ಅಂತಿದ್ದರೆ ಮೊದಲ 8,000 ಡಾಲರ್ ನೀವೇ ಹಾಕಬೇಕು. ಎಚ್‌ಒಎ (ಬಡಾವಣೆಯ ಮನೆ ಮಾಲೀಕರ ಸಂಘದ) ಶುಲ್ಕ, ಎಸಿ, ವಾಟರ್ ಹೀಟರ್, ಹುಲ್ಲು ಕತ್ತರಿಸುವುದು ಇವೆಲ್ಲ ಬೇರೆ. ಬಾಡಿಗೆಯವನಾಗಿದ್ದಾಗ ಒಂದು ಫೋನ್ ಮಾಡಿದರೆ ಮುಗಿಯುತ್ತಿತ್ತು.

"ತೆರಿಗೆ ಉಳಿಯುತ್ತೆ ಬಿಡು" ಅಂತ ಯಾರಾದರೂ ಹೇಳಿದರೆ ಪೇಪರ್ ಪೆನ್ನು ತಗೊಳ್ಳಿ. ಅಮೆರಿಕದ ಕೇಂದ್ರ ಸರ್ಕಾರದ ಆದಾಯ ತೆರಿಗೆಯ ಲೆಕ್ಕದಲ್ಲಿ ಸಾಲದ ಬಡ್ಡಿ ಮತ್ತು ಆಸ್ತಿ ತೆರಿಗೆಯನ್ನು ಆದಾಯದಿಂದ ಕಳೆಯಬಹುದು, ನಿಜ. ಮೊದಲ ವರ್ಷದ ಬಡ್ಡಿ ಸುಮಾರು 25,900, ಆಸ್ತಿ ತೆರಿಗೆ 10,000. ಒಟ್ಟು 35,900. ಆದರೆ 2025ರಲ್ಲಿ ಗಂಡ ಹೆಂಡತಿ ಒಟ್ಟಿಗೆ ಫೈಲ್ ಮಾಡಿದರೆ ಮನೆ ಇರಲಿ ಬಿಡಲಿ 31,500 ಡಾಲರ್ ಸ್ಟ್ಯಾಂಡರ್ಡ್ ಡಿಡಕ್ಷನ್ (ಎಲ್ಲರಿಗೂ ಸಿಗುವ ನಿಗದಿತ ಕಡಿತ) ಹೇಗೂ ಸಿಗುತ್ತದೆ. ಎರಡರಲ್ಲಿ ಒಂದನ್ನು ಮಾತ್ರ ತಗೊಳ್ಳಬಹುದು. ಬೇರೆ ಕಡಿತ ಇಲ್ಲದಿದ್ದರೆ ಮನೆಯಿಂದ ಹೆಚ್ಚಿಗೆ ಸಿಕ್ಕ ಕಡಿತ 4,400. ಶೇ. 22ರ ಸ್ಲ್ಯಾಬಿನಲ್ಲಿದ್ದರೆ ಉಳಿದದ್ದು ಸಾವಿರ ಡಾಲರ್‌ಗೂ ಸ್ವಲ್ಪ ಕಡಿಮೆ. ಇಷ್ಟಕ್ಕಾಗಿ ಯಾರೂ ಮನೆ ಕೊಳ್ಳುವುದಿಲ್ಲ.

ಇಷ್ಟೆಲ್ಲ ಲೆಕ್ಕವನ್ನು ನೀವೇ ಹಾಕಬೇಕಾಗಿಲ್ಲ. ಸಾಲಕ್ಕೆ ಅರ್ಜಿ ಹಾಕಿದ ಮೂರು ಕೆಲಸದ ದಿನಗಳೊಳಗೆ ಲೋನ್ ಎಸ್ಟಿಮೇಟ್ ಅನ್ನುವ ಮೂರು ಪುಟದ ಕಾಗದ ಕೊಡಲೇಬೇಕು ಅಂತ ಕಾನೂನಿದೆ. ಎಲ್ಲರೂ ಮೊದಲ ಪುಟದ ಕಂತು ನೋಡಿ ಮಡಚಿಡುತ್ತಾರೆ. ನೀವು ಮೂರನೇ ಪುಟ ತೆಗೆಯಿರಿ. ಐದು ವರ್ಷದಲ್ಲಿ ಒಟ್ಟು ಎಷ್ಟು ಕಟ್ಟಿರುತ್ತೀರಿ, ಅದರಲ್ಲಿ ಅಸಲು ಎಷ್ಟು ತೀರಿರುತ್ತದೆ ಅಂತ ಅಲ್ಲಿ ಒಂದರ ಕೆಳಗೊಂದು ಬರೆದಿರುತ್ತದೆ. ಅದರ ಕೆಳಗೆ ಟಿಐಪಿ ಅನ್ನುವ ಒಂದು ಅಂಕಿ ಇರುತ್ತದೆ. ಸಾಲದ ಮೊತ್ತಕ್ಕೆ ಹೋಲಿಸಿದರೆ ಪೂರ್ತಿ ಅವಧಿಯ ಬಡ್ಡಿ ಶೇಕಡಾ ಎಷ್ಟು ಅನ್ನುವುದು ಅದು. ನಮ್ಮ ಉದಾಹರಣೆಯಲ್ಲಿ 127ರ ಮೇಲೆ ಬರುತ್ತದೆ. ಮೂರು ಕಡೆ ಅರ್ಜಿ ಹಾಕಿ, ಮೂರು ಕಾಗದಗಳ ಆ ಪುಟವನ್ನೇ ಹೋಲಿಸಿ.

ಅದೇ ಕಾಗದದ ಎರಡನೇ ಪುಟದಲ್ಲಿ ಪಾಯಿಂಟ್ಸ್ ಇರುತ್ತವೆ. ಮುಂಗಡ ದುಡ್ಡು ಕೊಟ್ಟು ಬಡ್ಡಿ ಇಳಿಸಿಕೊಳ್ಳುವುದು. ಒಂದು ಪಾಯಿಂಟ್ ಅಂದರೆ ಸಾಲದ ಶೇ. 1, ಇಲ್ಲಿ 4,000 ಡಾಲರ್. ಅದರಿಂದ ಬಡ್ಡಿ 6.5ರಿಂದ 6.25ಕ್ಕೆ ಇಳಿದರೆ ತಿಂಗಳಿಗೆ 65 ಡಾಲರ್ ಉಳಿಯುತ್ತದೆ. ಕೊಟ್ಟ ದುಡ್ಡು ವಾಪಸ್ ಬರಲು ಐದು ವರ್ಷ. ಮತ್ತೆ ಅದೇ ಪ್ರಶ್ನೆ, ಐದು ವರ್ಷ ಇರುತ್ತೀರಾ? ಬಡ್ಡಿ ಇಳಿದಾಗ ರೀಫೈನಾನ್ಸ್ ಮಾಡಿದರಾಯಿತು, ಅಂದರೆ ಹೊಸ ಸಾಲ ತಂದು ಹಳೆಯದನ್ನು ತೀರಿಸಿದರಾಯಿತು ಅನ್ನುವವರು ಎರಡು ವಿಷಯ ಮರೆಯುತ್ತಾರೆ. ಕ್ಲೋಸಿಂಗ್ ಖರ್ಚು ಮತ್ತೊಮ್ಮೆ ಬೀಳುತ್ತದೆ. ಮತ್ತೆ 30 ವರ್ಷದ ಸಾಲವನ್ನೇ ತಗೊಂಡರೆ ಎಣಿಕೆ ಒಂದರಿಂದ ಶುರುವಾಗುತ್ತದೆ.

ಡೌನ್ ಪೇಮೆಂಟ್ ಶೇ. 20ಕ್ಕಿಂತ ಕಡಿಮೆ ಇದ್ದರೆ ಸಾಮಾನ್ಯವಾಗಿ ಪಿಎಂಐ ಅಂತ ಇನ್ನೊಂದು ವಿಮೆ ಬೀಳುತ್ತದೆ. ಅದು ಕಾಪಾಡುವುದು ಬ್ಯಾಂಕನ್ನು, ಕಟ್ಟುವುದು ನೀವು. ಬಾಕಿ ಮನೆಯ ಮೂಲ ಬೆಲೆಯ ಶೇ. 80ಕ್ಕೆ ಇಳಿದಾಗ ತೆಗೆಯಿರಿ ಅಂತ ಬರೆದು ಕೇಳಬಹುದು. ಕೇಳದಿದ್ದರೆ ಶೇ. 78ಕ್ಕೆ ಬರುವ ತನಕ ಹೋಗುತ್ತಲೇ ಇರುತ್ತದೆ. ಸರ್ಕಾರ ವಿಮೆ ಕೊಡುವ, ಕಡಿಮೆ ಡೌನ್ ಪೇಮೆಂಟಿನ ಎಫ್‌ಎಚ್‌ಎ ಸಾಲದ ಬಗ್ಗೆ ಹಳಬರು ಹೇಳಿದರೆ, ಅದು ಅವರ ಕಾಲದ್ದು. 2025ರ ಮೇ ಕೊನೆಯಿಂದ ಎಚ್-1ಬಿಯವರಿಗೆ ಅದು ಇಲ್ಲ.

ಉಳಿಯುವುದು ಗಟ್ಟಿಯಾದರೆ ಬಡ್ಡಿ ತಗ್ಗಿಸಲು ಒಂದು ಸುಲಭ ದಾರಿ ಇದೆ. ಊರಲ್ಲಿ ಚೀಟಿ ಕಟ್ಟುವ ಹಾಗೆ ತಿಂಗಳಿಗೆ 200 ಡಾಲರ್ ಹೆಚ್ಚಿಗೆ ಕಟ್ಟಿ, ಅದು ಅಸಲಿಗೇ ಸೇರಬೇಕು ಅಂತ ಗುರುತು ಹಾಕಿ. ಇಲ್ಲದಿದ್ದರೆ ಕೆಲವು ಬ್ಯಾಂಕಿನವರು ಅದನ್ನು ಮುಂದಿನ ಕಂತಿಗೆ ಜಮಾ ಮಾಡಿಕೊಳ್ಳುತ್ತಾರೆ. ಮೊದಲ ತಿಂಗಳಿನಿಂದ ಹೀಗೆ ಕಟ್ಟಿದರೆ 30 ವರ್ಷದ ಸಾಲ ಇಪ್ಪತ್ನಾಲ್ಕೂವರೆ ವರ್ಷಕ್ಕೆ ಮುಗಿಯುತ್ತದೆ. ಉಳಿಯುವ ಬಡ್ಡಿ 1,11,000 ಡಾಲರ್‌ಗಿಂತ ಜಾಸ್ತಿ.

ಕೊನೆಗೆ ಅಪ್ಪಂದಿರ ವಿಷಯ. ಮೊನ್ನೆ ತಿಪಟೂರಿನ ನಮ್ಮ ನೆಂಟರೊಬ್ಬರು, ಮಗನ ಡೌನ್ ಪೇಮೆಂಟಿಗೆ ತೋಟದಲ್ಲಿ ಎರಡು ಎಕರೆ ಕೊಡುವ ಯೋಚನೆ ಇದೆ ಅಂದರು. ಫಲ ಕೊಡುವ ತೆಂಗಿನ ಮರಗಳು. ಕಾಗದದ ಪ್ರಕಾರ ಇದು ಆಗದ ಕೆಲಸವಲ್ಲ. ಒಬ್ಬರು ವರ್ಷಕ್ಕೆ ಎರಡೂವರೆ ಲಕ್ಷ ಡಾಲರ್ ತನಕ ಕಳಿಸಬಹುದು. 10 ಲಕ್ಷ ರೂಪಾಯಿ ದಾಟಿದ ಹಣಕ್ಕೆ ಬ್ಯಾಂಕು ಟಿಸಿಎಸ್ ಅಂತ ಶೇ. 20 ತೆರಿಗೆ ಹಿಡಿಯುತ್ತದೆ, ರಿಟರ್ನ್ ಹಾಕಿದಾಗ ಲೆಕ್ಕಕ್ಕೆ ಬರುತ್ತದೆ. ಅಲ್ಲಿ ಸಾಲ ಕೊಡುವವರು ಇದು ವಾಪಸ್ ಕೊಡಬೇಕಾದ ಹಣವಲ್ಲ ಅಂತ ಅಪ್ಪನ ಸಹಿ ಇರುವ ಗಿಫ್ಟ್ ಲೆಟರ್ ಕೇಳುತ್ತಾರೆ. ವರ್ಷದಲ್ಲಿ 1 ಲಕ್ಷ ಡಾಲರ್ ದಾಟಿದರೆ ಮಗ ಅಮೆರಿಕದ ತೆರಿಗೆ ಇಲಾಖೆಗೆ 3520 ಅನ್ನುವ ಫಾರಂ ತುಂಬಬೇಕು. ಇಷ್ಟನ್ನೂ ಅವರಿಗೆ ಹೇಳಿದೆ. ಆಮೇಲೆ ಮಗನಿಗೆ ವೀಸಾ ಎಷ್ಟು ವರ್ಷ ಇದೆ ಅಂತ ಕೇಳಿದೆ. ಅವರಿಗೆ ಗೊತ್ತಿರಲಿಲ್ಲ. ಅಲ್ಲೇ ಫೋನ್ ಹಚ್ಚಿದರು. ಹುಡುಗ ಹೇಳಿದ, ಇನ್ನು ಹದಿನೆಂಟು ತಿಂಗಳು. ತೋಟದ ಮಾತು ಸದ್ಯಕ್ಕೆ ನಿಂತಿದೆ.